ಕಮಲಾಕ್ಷಿಯ ಹೊಸ ಮಂಡಿಗಳು

ಕಳೆದ ಮಂಗಳವಾರ ಕಮಲಾಕ್ಷಿ ನಮ್ಮ ಮೂರನೇ ಮಹಡಿಗೆ ಮೆಟ್ಟಿಲು ಹತ್ತಿ ಬಂದಳು. ರೈಲಿಂಗ್ ಹಿಡಿಯದೆ! ಒಂದು ಕೈಯಲ್ಲಿ ಕಾಣೆ ಮೀನಿನ ಚೀಲ, ಇನ್ನೊಂದರಲ್ಲಿ ಕೊಡೆ. ಏದುಸಿರು ಕೂಡ ಇಲ್ಲ.

"ಎಂತ ಲಿಲ್ಲಿ, ಬಾಗಿಲಲ್ಲೇ ನಿಲ್ಲಿಸ್ತೀಯಾ? ಹೊಸ ಮಂಡಿ ಮಾರಾಯ್ತಿ, ಎರಡೂ!"

ಅತ್ತಾವರದ ಆಸ್ಪತ್ರೆಯಲ್ಲಿ ಆಪರೇಷನ್ ಮಾಡಿಸಿಕೊಂಡದ್ದು. ಖರ್ಚೆಲ್ಲ ಅರಿಯರ್ಸ್ ಹಣದಿಂದ, ಹಳೆಯ ಸಂಬಳದ ಬಾಕಿ ಒಟ್ಟಿಗೆ ಬಂದದ್ದು. ನಮ್ಮಿಬ್ಬರ ವಯಸ್ಸು ಒಂದೇ, ಆಫೀಸು ಒಂದೇ, ಮಂಡಿನೋವೂ ಒಂದೇ ಆಗಿತ್ತು. ನಾನು ಈಗ ಕೆಳಗಿಳಿಯುವುದು ಭಾನುವಾರ ಇಗರ್ಜಿಯ ಪ್ರಾರ್ಥನೆಗೆ ಮಾತ್ರ. ಅದೂ ಅಡ್ಡಡ್ಡ, ಏಡಿಯ ಹಾಗೆ.

ಕಥೆ ಹಳೆಯದು. ಒಂದು ಸರ್ಕಾರಿ ಸಂಸ್ಥೆಯಲ್ಲಿ ನಾವು ಎಂಟು ಹೆಂಗಸರು ವರ್ಷಗಟ್ಟಲೆ ಕ್ಲರ್ಕ್ ಸಂಬಳಕ್ಕೆ ಸೂಪರಿಂಟೆಂಡೆಂಟ್ ಕೆಲಸ ಮಾಡಿದೆವು. ಕೊನೆಗೆ ಪ್ರಮೋಷನ್ ಬಂತು, ಹಿಂದಿನ ತಾರೀಕಿನಿಂದ. ಆದರೆ ನೋಷನಲ್! ಅಂದರೆ, ಅಷ್ಟು ವರ್ಷ ನೀವು ಸೂಪರಿಂಟೆಂಡೆಂಟ್ ಆಗಿದ್ದಿರಿ ಎಂದು ಕಾಗದ ಒಪ್ಪುತ್ತದೆ, ಆ ವರ್ಷಗಳ ಸಂಬಳ ಮಾತ್ರ ಕೊಡುವುದಿಲ್ಲ. (ಮದುವೆಗೆ ಕರೆದು ಊಟ ಇಲ್ಲ ಎಂದ ಹಾಗೆ.)

ಕೋರ್ಟಿಗೆ ಹೋಗುವ ಎಂದವಳು ಕಮಲಾಕ್ಷಿ. ಬಂದರ್ ಕಡೆಯ ಮೀನುಗಾರರ ಮನೆಯ ಮಗಳು. ಅನ್ಯಾಯವಾದರೆ ನಿಂತಲ್ಲೇ ಕೇಳಿ ಅಭ್ಯಾಸ. ನನ್ನದು ಕಾನ್ವೆಂಟ್. ಗುಡ್ ಗರ್ಲ್ಸ್ ಎರಡನೇ ಸಲ ಕೇಳುವುದಿಲ್ಲ ಎಂದು ಸಿಸ್ಟರ್‌ಗಳು ಕಲಿಸಿದ್ದರು.

ಆದರೆ ಆ ಅರ್ಜಿಯ ಇಂಗ್ಲಿಷ್ ಯಾರದ್ದು? ನನ್ನದು! ನಮ್ಮ ಡೈನಿಂಗ್ ಟೇಬಲ್ಲಿನ ಮುಂದೆ ಮೂರು ಸಂಜೆ ಕೂತು ಬರೆದದ್ದು. ವಕೀಲರು ಒಂದು ಕಾಮಾ ಸಹ ಮುಟ್ಟಲಿಲ್ಲವಂತೆ. ಏಳು ಮಂದಿ ಸಹಿ ಹಾಕಿದರು. ನಾನು ಪೆನ್ನಿನ ಕ್ಯಾಪ್ ಮುಚ್ಚಿದೆ. ನಿವೃತ್ತಿಗೆ ಎರಡೇ ವರ್ಷ ಇತ್ತು, ಸಾಹೇಬರು ಸಿಟ್ಟಾಗಿ ಪೆನ್ಶನ್ ಫೈಲು ನಿಲ್ಲಿಸಿದರೆ? ಆ ಏಳು ಮಂದಿ ಗೆದ್ದರೆ ನನಗೂ ಹೇಗೂ ಸಿಗುತ್ತದೆ ಎಂಬ ಲೆಕ್ಕವೂ ಒಳಗೆ ಇತ್ತು. (ಇದನ್ನು ಪಾದ್ರಿಗಳಿಗೂ ಹೇಳಿಲ್ಲ.)

ಅವರು ಗೆದ್ದರು. ಆರ್ಡರನ್ನು ಓದಿ ಹೇಳಿದವಳೂ ನಾನೇ. ಅದರಲ್ಲಿ ನನ್ನದೇ ಎರಡು ವಾಕ್ಯ ಇತ್ತು. ಕೊನೆಯಲ್ಲಿ ಇತ್ತು: ಅರ್ಜಿದಾರರಿಗೆ ಮಾತ್ರ.

ಮಂಗಳವಾರಕ್ಕೆ ಬರುತ್ತೇನೆ. ಮೀನು ತೊಳೆದಿಟ್ಟು ಕಮಲಾಕ್ಷಿ ಸ್ಟೂಲ್ ಹತ್ತಿದಳು. ಸ್ಟೂಲ್! ಮೇಲಿನ ಶೆಲ್ಫಿನಿಂದ ದೊಡ್ಡ ಕಾವಲಿ ಇಳಿಸಿದಳು. ನಾನು ಅದನ್ನು ಮುಟ್ಟದೆ ಎರಡು ವರ್ಷವಾಗಿತ್ತು.

"ಮುಖ ಎಂತಕ್ಕೆ ಹಾಗೆ? ಹೊಟ್ಟೆಕಿಚ್ಚಾ?"

"ಛೆ ಛೆ. ಐ ಆಮ್ ಸೋ ಹ್ಯಾಪಿ ಫಾರ್ ಯೂ."

"ಸುಳ್ಳು ಹೇಳ್ಬೇಡ. ನಾನಾಗಿದ್ರೆ ಈ ಮೀನನ್ನು ಮುಖಕ್ಕೇ ಬಿಸಾಡ್ತಿದ್ದೆ."

ಎಂಥ ಹೆಂಗಸು ನೋಡಿ! ನೆಮ್ಮದಿಯಾಗಿ ಅಸೂಯೆಪಡಲೂ ಬಿಡುವುದಿಲ್ಲ.

ಮೀನು ಮಗುಚುತ್ತಾ ಹೇಳಿದಳು, "ನಿಂದೂ ಒಂದು ಅರ್ಜಿ ಹಾಕುವ. ವಕೀಲರ ಹತ್ರ ಕೇಳಿದ್ದೇನೆ. ಗ್ಯಾರಂಟಿ ಇಲ್ಲ, ಆದ್ರೆ ದಾರಿ ಉಂಟಂತೆ. ಇಷ್ಟು ವರ್ಷ ಎಂತಕ್ಕೆ ಸುಮ್ಮನಿದ್ದದ್ದು ಅಂತ ಬರೀಬೇಕು, ಅಷ್ಟೇ. ನಿಂಗೆ ಇಂಗ್ಲಿಷ್ ಉಂಟಲ್ಲ!"

ಕಾಣೆ ತುಂಬ ರುಚಿಯಾಗಿತ್ತು. ಅದಕ್ಕೂ ಸಿಟ್ಟು ಬಂತು. ಊಟ ಮುಗಿಸಿ ಟಕಟಕ ಇಳಿದು ಹೋದಳು. ಕೊನೆಯ ಮೆಟ್ಟಿಲಿನವರೆಗೆ ಆ ಸದ್ದನ್ನೇ ಕೇಳುತ್ತಾ ನಿಂತೆ.

ನಾಲ್ಕು ದಿನದಿಂದ ಅದೇ ಟೇಬಲ್ಲಿನ ಮುಂದೆ ಕೂತಿದ್ದೇನೆ. ಎಲ್ಲ ಬರೆದಾಯಿತು. "ವಿಳಂಬಕ್ಕೆ ಕಾರಣ" ಎಂಬಲ್ಲಿ ಮಾತ್ರ ಖಾಲಿ. ಅನಾರೋಗ್ಯ? ಆಗ ಗಟ್ಟಿಯಾಗಿದ್ದೆ. ವಿಷಯ ಗೊತ್ತಿರಲಿಲ್ಲವೇ? ಮೊದಲ ಅರ್ಜಿ ಬರೆದವಳೇ ನಾನು!

ನಿಜ ಇಷ್ಟೇ: ಆಗ ಹೆದರಿದ್ದೆ. ಈಗ ಕಮಲಾಕ್ಷಿ ರೈಲಿಂಗ್ ಹಿಡಿಯದೆ ಮೆಟ್ಟಿಲು ಹತ್ತಿದ್ದಾಳೆ.

ಇದನ್ನು ಕೋರ್ಟಿನ ಇಂಗ್ಲಿಷಿನಲ್ಲಿ ಹೇಗೆ ಬರೆಯುವುದು, ನೀವೇ ಹೇಳಿ?