ಮನೆಗೊಬ್ಬರಾದರೂ ಬರಬೇಕು

ಮೊನ್ನೆ ಮಗಳನ್ನು ಕರೆದುಕೊಂಡು ಶಿರಸಿಯ ಕಾಲೇಜಿಗೆ ಹೋಗಿದ್ದೆ. ಮಹಡಿ ಹತ್ತಿದರೆ ಕೊನೆಯ ಕೋಣೆಯ ಬಾಗಿಲಲ್ಲಿ ಚಪ್ಪಲಿಗಳ ರಾಶಿ. ಒಳಗೆ ಸತ್ಯನಾರಾಯಣ ಪೂಜೆ ನಡೆದಿದೆಯೇನೋ ಎಂದುಕೊಂಡೆ. ಕಾಲು ನನ್ನನ್ನು ಕೇಳದೆಯೇ ಚಪ್ಪಲಿ ಕಳಚಲು ಹೊರಟಿತ್ತು. ಇಣುಕಿದರೆ ಸಾಲಾಗಿ ಕಂಪ್ಯೂಟರುಗಳು, ಕಿಟಕಿಗೆ ದಪ್ಪ ಪರದೆ, ತಣ್ಣನೆಯ ಗಾಳಿ, ಹೊಸ ಪ್ಲಾಸ್ಟಿಕ್ಕಿನ ವಾಸನೆ. ಅವಕ್ಕೆ ಧೂಳು ತಾಗಬಾರದಂತೆ.

"ಎಂತ ಆಯಿ, ಕೈ ಮುಗಿತ್ಯ?" ಎಂದು ಮಗಳು ನಕ್ಕಳು.

ನಾನು ಕೈ ಮುಗಿಯಲಿಲ್ಲ. ಆ ಕೋಣೆಯಲ್ಲಿ ನಾನು ಮೂರು ವರ್ಷ ಚಪ್ಪಲಿ ಹಾಕಿಕೊಂಡೇ ತತ್ವಶಾಸ್ತ್ರ ಓದಿದ್ದೇನೆ. ಆಗ ಅದರ ಕಿಟಕಿಯ ಒಂದು ಕದ ಮುಚ್ಚುತ್ತಿರಲಿಲ್ಲ, ಧೂಳಿನ ಬಗ್ಗೆ ಯಾರಿಗೂ ತಕರಾರು ಇರಲಿಲ್ಲ.

ನಾವು ಹೋದದ್ದು ಮಗಳನ್ನು ಒಂದು ಹೊಸ ಕೋರ್ಸಿಗೆ ಸೇರಿಸಲು. ಸೇರಿಸಲು ಎನ್ನುವುದಕ್ಕಿಂತ, ಸೇರಿಸಬಹುದೋ ಬಾರದೋ ನೋಡಲು. ಹೊಸ ಕೋರ್ಸುಗಳ ವಿಷಯದಲ್ಲಿ ನನಗೆ ಒಳಗೊಳಗೇ ಒಂದು ಅನುಮಾನದ ಹುಳ. ಹೆಸರು ಉದ್ದವಿರುತ್ತದೆ, ಪಾಠ ಮಾಡುವವರು ಯಾರೆಂದು ಕೇಳಿದರೆ ಉತ್ತರ ಗಿಡ್ಡವಾಗುತ್ತದೆ. ಸ್ವಭಾವವೇ ನನ್ನದು ಹಾಗೆ ಎನ್ನಿ. ಹಾಲು ಹಾಕುವವನು ಒಂದು ದಿನ ಅಳತೆಗಿಂತ ಹೆಚ್ಚು ಸುರಿದರೆ, ನಾಳೆ ಇವನು ಏನು ಕೇಳುವವನಿದ್ದಾನೋ ಎಂದು ಯೋಚಿಸುವವಳು ನಾನು. ಇದನ್ನು ಹುಟ್ಟುಗುಣವೆಂದು ನಮ್ಮ ಮನೆಯವರು ನಂಬಿದ್ದಾರೆ. ಅಲ್ಲ, ಇದು ಕಲಿತದ್ದು, ಅದೂ ಆ ಚಪ್ಪಲಿ ರಾಶಿಯ ಹಿಂದಿನ ಕೋಣೆಯಲ್ಲಿ.

ಕಲಿಯಲು ಹೋದ ಕತೆಯೇ ವಿಚಿತ್ರ. ತೊಂಬತ್ತರ ದಶಕದ ಒಂದು ಮೇ ತಿಂಗಳು. ವಾನಳ್ಳಿ ರಸ್ತೆಯ ನಮ್ಮ ಮನೆಯ ಅಂಗಳದ ತುಂಬ ಹಲಸಿನ ಹಪ್ಪಳ ಒಣಗಲು ಹಾಕಿದ್ದೆವು. ಅಂಗಳದ ಆಚೆ ತುದಿಯಲ್ಲಿ ಒಬ್ಬ ಅಪರಿಚಿತರು, ಚಾಪೆಗಳ ನಡುವೆ ಎಲ್ಲಿ ಕಾಲಿಡಬೇಕೆಂದು ತಿಳಿಯದೆ, ಹೊಳೆ ದಾಟಲು ಕಲ್ಲು ಹುಡುಕುವವರ ಹಾಗೆ ನಿಂತಿದ್ದರು. ಹಾವೇರಿ ಕಡೆಯ ಪಾಟೀಲ ಸರ್ ಅವರು. ಕಾಲೇಜಿನಲ್ಲಿ ತತ್ವಶಾಸ್ತ್ರದ ಮೇಷ್ಟ್ರು. ಕೆಲಸ ಇನ್ನೂ ಕಾಯಂ ಆಗಿರಲಿಲ್ಲ.

ಅವರು ಏಕೆ ಬಂದರೆಂದು ಹೇಳುವ ಮೊದಲು ನಮ್ಮ ಕಡೆಯ ಒಂದು ಕ್ರಮ ಹೇಳಬೇಕು. ಮದುವೆ, ಉಪನಯನ, ಏನೇ ಇರಲಿ, ಅಂಚೆಯಲ್ಲಿ ಪತ್ರಿಕೆ ಬಂದರೆ ಅದು ಬಂದ ಲೆಕ್ಕವಲ್ಲ. ಮನೆಗೆ ಬಂದು ಬಾಯಲ್ಲಿ ಹೇಳಬೇಕು. ಅದಕ್ಕೆ ಕರೆಯ ಎನ್ನುತ್ತೇವೆ. ಕರೆಯಕ್ಕೆ ಬಂದವರಿಗೆ ಇಲ್ಲವೆನ್ನುವುದಿಲ್ಲ. ಹೋಗುವ ಯೋಚನೆ ಇಲ್ಲದಿದ್ದರೂ "ಬತ್ಯ", ಅಂದರೆ ಬರುತ್ತೇವೆ, ಎನ್ನುತ್ತೇವೆ. ಎಲ್ಲರಿಗೂ ಆಗದಿದ್ದರೆ ಮನೆಯ ಪರವಾಗಿ ಒಬ್ಬರಾದರೂ ಹೋಗಿ ಎಲೆ ಮುಂದೆ ಕೂತು ಬರಬೇಕು. ಅಷ್ಟಾದರೆ ಮರ್ಯಾದೆ ಉಳಿಯಿತು.

ಪಾಟೀಲ ಸರ್‌ಗೆ ಇದು ಅರ್ಧ ಮಾತ್ರ ಗೊತ್ತಿತ್ತು. ಕಡಿಮೆ ಜನ ಓದುವ ವಿಷಯಗಳನ್ನು ಮುಚ್ಚಿ ಎಂದು ಆ ವರ್ಷ ಮೇಲಿನಿಂದ ಹೇಳಿಕಳಿಸಿದ್ದರಂತೆ. ಬಿಟ್ಟುಹೋದ ಮೇಷ್ಟ್ರುಗಳ ಜಾಗಕ್ಕೆ ಹೊಸಬರನ್ನು ತುಂಬುವುದನ್ನು ಸರಕಾರ ಆಗಲೇ ನಿಲ್ಲಿಸಿತ್ತು. ಪೇಟೆಯಲ್ಲಿ ಟೈಪಿಂಗ್ ಕ್ಲಾಸಿನ ಬೋರ್ಡುಗಳು ಒಂದೊಂದಾಗಿ ಕಂಪ್ಯೂಟರ್ ಕ್ಲಾಸಿನ ಬೋರ್ಡುಗಳಾಗುತ್ತಿದ್ದವು. ತತ್ವಶಾಸ್ತ್ರ ಯಾರಿಗೆ ಬೇಕು? ವಿಷಯ ಮುಚ್ಚಿದರೆ ಪಾಟೀಲರ ಕೆಲಸವೂ ಮುಚ್ಚಿತು. ಆಗ ಕಾಲೇಜಿನ ಜವಾನನೇ ಬುದ್ಧಿ ಹೇಳಿದನಂತೆ: ಈ ಕಡೆ ಗೋಡೆಗೆ ಚೀಟಿ ಅಂಟಿಸಿದರೆ ಯಾರೂ ಬರುವುದಿಲ್ಲ, ಮನೆಮನೆಗೆ ಹೋಗಿ ಕರೆಯಿರಿ, ಕೊನೆಗೆ ಮನೆಗೊಬ್ಬರಾದರೂ ಬರಬೇಕು ಎಂದು ಹೇಳಲು ಮರೆಯಬೇಡಿ.

ಅಂತೂ ಅವರು ಜಗುಲಿ ಮುಟ್ಟಿದರು. ನನ್ನ ಅತ್ತೆ ಕಂಬಕ್ಕೆ ಒರಗಿ ಕೂತಿದ್ದರು.

"ಕರೀಲಿಕ್ಕೆ ಬಂದೀನ್ರಿ," ಎಂದರು ಸರ್.

"ಅಡ್ಡಿಲ್ಲೆ. ಎಂತ ಕಾರ್ಯ?"

"ಬಿ.ಎ. ರೀ. ತತ್ವಶಾಸ್ತ್ರ."

"ಯಾವಾಗ?"

"ಜೂನ್ ತಿಂಗಳದಾಗ ಸುರು ಆಗ್ತದ್ರಿ."

"ಎಷ್ಟು ದಿನ ಇದ್ದು?"

"ಮೂರು ವರ್ಷ ರೀ."

ಅತ್ತೆ ಸ್ವಲ್ಪವೂ ವಿಚಲಿತರಾಗಲಿಲ್ಲ. "ಬತ್ಯ, ಬತ್ಯ. ಆಸರಿಗೆ ಎಂತ ಆಗ್ತು? ಮಜ್ಜಿಗೆಯಾ, ಪಾನಕವಾ?" ಎಂದರು. ಸರ್ ಮಜ್ಜಿಗೆ ಕುಡಿದು, "ಮನೀಗೊಬ್ರಾದ್ರೂ ಬರಬೇಕ್ರೀ" ಎಂದು ಕೈಮುಗಿದು, ಹಪ್ಪಳ ತುಳಿಯದೆ ಹಿಂದಿರುಗಿದರು. ಸಿದ್ದಾಪುರದ ದಿಕ್ಕಿಗೂ ಯಲ್ಲಾಪುರದ ದಿಕ್ಕಿಗೂ ಬಸ್ಸು ಹತ್ತಿಳಿದು ಹೀಗೇ ಕರೆದರಂತೆ. ಎಲ್ಲ ಮನೆಯವರೂ ಬತ್ಯ ಎಂದಿದ್ದರು. ಬೇರೆ ಏನೆಂದಾರು? ಅವರು ಮಾತ್ರ ಅದನ್ನು ಕೊಟ್ಟ ಮಾತೆಂದುಕೊಂಡು ನೆಮ್ಮದಿಯಲ್ಲಿ ಊರಿಗೆ ಹೋಗಿ ಮಲಗಿದ್ದರು.

ಜೂನ್ ಬಂತು. ನಮ್ಮ ಮನೆಯಲ್ಲಿ ಓದುವ ವಯಸ್ಸಿನವನೆಂದರೆ ಮೈದುನ. ಅವನು ಡಿಪ್ಲೊಮಾಕ್ಕೆ ಸೇರಿ ಆಗಿತ್ತು. ಊಟದ ಹೊತ್ತಿಗೆ ಅತ್ತೆ ಪಾಟೀಲರು ಕರೆಯಕ್ಕೆ ಬಂದ ಸುದ್ದಿ ತೆಗೆದರು.

"ಅದು ಸುಮ್ನೆ ಹೇಳಿದ್ದಲ್ದನೇ ಆಯಿ," ಎಂದರು ನನ್ನ ಗಂಡ.

"ಸುಮ್ನೆ ಎಂತಕ್ಕೆ ಹೇಳದು? ಪಾಪ, ಬಿಸಲಲ್ಲಿ ಹಾವೇರಿಯವ್ವು ಮನೆವರೆಗೆ ಬಂದು ಕರದಿಕ್ಕೆ ಹೋಜ. ಯಾರೂ ಹೋಗದಿದ್ರೆ ನಾಳೆ ನಮ್ಮನೆ ಕಾರ್ಯಕ್ಕೆ ಯಾರು ಬತ್ತ? ಇದು ಪಿಯುಸಿ ಪಾಸಾಜು. ಇದೇ ಹೋಗ್ಲಿ."

ಇದು ಎಂದರೆ ನಾನು. ಕೈಯಲ್ಲಿ ಸಾರಿನ ಸೌಟು ಹಿಡಿದು ನಿಂತಿದ್ದೆ. ಮೂರು ವರ್ಷದ ಮಗಳು ಸೆರಗು ಜಗ್ಗುತ್ತಿದ್ದಳು. "ಕೂಸಿನ ಆನು ನೋಡ್ಕತ್ತೆ," ಎಂದು ಅತ್ತೆ ಅದನ್ನೂ ತೀರ್ಮಾನ ಮಾಡಿಬಿಟ್ಟರು. ಹೀಗೆ ಮನೆಯ ಪ್ರತಿನಿಧಿಯಾಗಿ ನಾನು ಬಿ.ಎ.ಗೆ ಹೋದೆ.

ಮೊದಲ ದಿನ ಆ ಕೋಣೆ ನೋಡಬೇಕಿತ್ತು ನೀವು. ಹುಡುಗರು ನಾಲ್ಕಾರು. ಉಳಿದವರೆಲ್ಲ ನನ್ನ ಹಾಗೆಯೇ ಪಿಯುಸಿ ಮುಗಿಸಿ, ಮದುವೆಯಾಗಿ, ಮನೆಯ ಮರ್ಯಾದೆ ಉಳಿಸಲು ಬಂದ ಸೊಸೆಯಂದಿರು. ಸಿದ್ದಾಪುರದ ಕಡೆಯ ಭಾರತಿ ಎಂಬವಳ ಅತ್ತೆ, ಬರಿಗೈಯಲ್ಲಿ ಹೋಗುವುದು ಚೆನ್ನಾಗಿರುವುದಿಲ್ಲವೆಂದು ಒಂದು ಚಿಪ್ಪು ಬಾಳೆಹಣ್ಣು ಕೊಟ್ಟು ಕಳಿಸಿದ್ದರು. ಪಾಟೀಲ ಸರ್ ಬಾಗಿಲಲ್ಲಿ ನಿಂತು ನಮ್ಮನ್ನೂ ಮೇಜಿನ ಮೇಲಿನ ಬಾಳೆಹಣ್ಣನ್ನೂ ನೋಡಿದರು. ಆಮೇಲೆ ಕನ್ನಡಕ ತೆಗೆದು ಒರೆಸಿಕೊಂಡು, "ಕರದ ಮ್ಯಾಲೆ ಬಂದೀರಿ. ಕುಂದರ್ರಿ," ಎಂದು ಪಾಠ ಶುರು ಮಾಡಿದರು.

ನಾವು ಹಾಜರಿ ಕೊಟ್ಟು ಎದ್ದು ಬರುವ ಅಂದಾಜಿನಲ್ಲಿದ್ದೆವು. ಆದರೆ ಆ ಮನುಷ್ಯನಿಗೆ ಪಾಠ ಮಾಡಲು ಬರುತ್ತಿತ್ತು. ಗುಡ್ಡದ ಚಿತ್ರ ಬರೆದು ಮೇಲೆ ಹೊಗೆ ಎಳೆದು, ಹೊಗೆ ಇರುವುದರಿಂದ ಅಲ್ಲಿ ಬೆಂಕಿ ಇದೆಯೆಂದು ಊಹಿಸುತ್ತೇವೆ, ಅಡಿಗೆಮನೆಯಲ್ಲಿ ಎರಡನ್ನೂ ಒಟ್ಟಿಗೇ ಕಂಡಿರುವುದೇ ಅದಕ್ಕೆ ಆಧಾರ ಎಂದರು. ಭಾರತಿ ಕೈಯೆತ್ತಿದಳು.

"ಸರ್, ನಮ್ಮನೇಲಿ ಗೋಬರ್ ಗ್ಯಾಸ್ ಆದ ಮೇಲೆ ಬೆಂಕಿ ಇದ್ದು, ಹೊಗೆ ಇಲ್ಲೆ."

ಸರ್‌ಗೆ ಲಾಟರಿ ಹೊಡೆದಷ್ಟು ಖುಷಿ. "ಭಾಳ ಚಲೋ ಕೇಳಿದ್ರಿ! ಹೊಗಿ ಇದ್ದಲ್ಲಿ ಬೆಂಕಿ ಇರ್ತದ ಅಂದ್ವಿ. ಬೆಂಕಿ ಇದ್ದಲ್ಲಿ ಹೊಗಿ ಇರಲೇಬೇಕು ಅಂತ ಯಾರು ಅಂದ್ರು? ಮತ್ತ ಇನ್ನೊಂದು ಕೇಳ್ರಿ: ಗುಡ್ಡದ ಮ್ಯಾಲೆ ಕಂಡದ್ದು ಹೊಗಿನೋ, ಮಂಜೋ? ಮೊದಲ ಅದನ್ನ ನೋಡ್ಕೊಳ್ರಿ. ಯಾರರ ಬಂದು ಬೆಂಕಿ ಅದ ಅಂದ್ರ, ನಿಮಗೆ ಹ್ಯಾಂಗ್ ಗೊತ್ತು ಅಂತ ಕೇಳ್ರಿ."

ಇದು ನನಗೆ ಅಂಟಿಬಿಟ್ಟಿತು. ಮನೆಗೆ ಬಂದು ಅತ್ತೆಯ ಮೇಲೆಯೇ ಪ್ರಯೋಗ ಮಾಡಿದೆ. ಏಕಾದಶಿಯ ದಿನ ಉಪ್ಪಿನಕಾಯಿ ಭರಣಿ ಮುಟ್ಟಿದರೆ ಕೆಡುತ್ತದೆ ಎಂದರೆ, "ನಿಂಗಕ್ಕೆ ಹೆಂಗೆ ಗೊತ್ತು?" ಎಂದೆ. ಅತ್ತೆ ನನ್ನ ಗಂಡನ ಕಡೆ ತಿರುಗಿ, "ಇದ್ನ ಊಟಕ್ಕೆ ಕಳ್ಸಿದ್ದು ಹೇಳಿ ತಿಳ್ಕಂಡಿದ್ನಪ, ಅಡಿಗೆಯನ್ನೇ ಹೊತ್ಕಂಡು ಬೈಂದು," ಎಂದರು.

ಮೂರನೆಯ ವರ್ಷದ ಹೊತ್ತಿಗೆ ನನ್ನ ಅನುಮಾನ ಗುರುವಿನ ಕಡೆಗೇ ತಿರುಗಿತು. ಈ ವರ್ಷ ಹೊಸಬರು ಒಬ್ಬಿಬ್ಬರಷ್ಟೇ ಸೇರಿದ್ದಾರೆ, ನಾವು ಹೊರಬಿದ್ದ ಕೂಡಲೇ ವಿಷಯ ಮುಚ್ಚುತ್ತಾರೆ ಎಂಬ ಸುದ್ದಿ ಇತ್ತು. ಹಾಗಾದರೆ ನಾವು ಯಾರು? ವಿದ್ಯಾರ್ಥಿಗಳೋ, ಒಬ್ಬರ ಸಂಬಳ ನಿಲ್ಲದಂತೆ ಬೆಂಚಿನ ಮೇಲೆ ಕೂರಿಸಿದ ತಲೆಗಳೋ? ಒಂದು ಮಧ್ಯಾಹ್ನ ಕ್ಲಾಸಿನಲ್ಲೇ ಕೇಳಿಬಿಟ್ಟೆ.

"ಸರ್, ನೀವು ನಮ್ಮನ್ನ ಕರ್ದಿದ್ದು ನಮಗೆ ಓದಿಸ್ಲಿಕ್ಕಾ, ನಿಮ್ಮ ಕೆಲಸ ಉಳಿಸ್ಕಳ್ಳಲಿಕ್ಕಾ?"

ಭಾರತಿ ಮೇಜಿನ ಕೆಳಗೆ ನನ್ನ ಕಾಲು ತುಳಿದಳು. ಸರ್ ಸೀಮೆಸುಣ್ಣ ಕೆಳಗಿಟ್ಟರು.

"ಕೆಲಸ ಉಳಿಸ್ಕೊಳ್ಳಾಕ ರೀ," ಎಂದರು. "ಆ ಬಿಸಲಾಗ ನಿಮ್ಮ ಅಂಗಳದಾಗ ನಿಂತಾಗ ನನ್ನ ತಲ್ಯಾಗ ತತ್ವನೂ ಇರ್ಲಿಲ್ಲ, ಶಾಸ್ತ್ರನೂ ಇರ್ಲಿಲ್ಲ. ಊರಾಗ ನಮ್ಮವ್ವಗ ಏನು ಕಳಿಸ್ಲಿ ಅನ್ನೋದೊಂದ ಇತ್ತು. ನೀವು ಬಂದು ಕುಂತ ಮ್ಯಾಲೆ ಅದು ಮರತು ಹೋತು. ಈ ವರ್ಷ ಮತ್ತ ನೆನಪಾಗ್ಲಿಕ್ಕೆ ಹತ್ತೇದ." ಸೀಮೆಸುಣ್ಣ ಮತ್ತೆ ಎತ್ತಿಕೊಂಡು, "ಆದ್ರ ಪಾಠದಾಗ ಮೋಸ ಮಾಡೀನೇನು? ಅದನ್ನ ಹೇಳ್ರಿ," ಎಂದರು.

ಮಾಡಿರಲಿಲ್ಲ. ಅಷ್ಟು ನೇರವಾಗಿ ತನ್ನ ಲಾಭ ಹೇಳಿಕೊಂಡವರನ್ನು ನಾನು ಆಮೇಲೆ ಕಂಡದ್ದು ಕಡಿಮೆ.

ನಾವು ಪಾಸಾದೆವು. ವಿಷಯ ಹೇಗೋ ಕುಂಟುತ್ತ ಇನ್ನೂ ಕೆಲವು ವರ್ಷ ನಡೆಯಿತು. ಕೊನೆಗೊಮ್ಮೆ ಕಾಲೇಜುಗಳಿಗೆ ದರ್ಜೆ ಕೊಡುವ ಸಮಿತಿ ಬರುತ್ತದೆಂದು ಹಳೆಯ ವಿದ್ಯಾರ್ಥಿಗಳಾದ ನಮ್ಮನ್ನೂ ಕರೆಸಿದರು. ಗೋಡೆಗೆ ಹೊಸ ಬಣ್ಣ, ಕುಂಡದಲ್ಲಿ ಬಾಡಿಗೆಯ ಗಿಡ. ಸೂಟು ಹಾಕಿದ ಒಬ್ಬರು ನನ್ನನ್ನು, ಈ ಪದವಿಯಿಂದ ನಿಮಗೆ ಯಾವ ಉದ್ಯೋಗ ಸಿಕ್ಕಿತು ಎಂದು ಕೇಳಿದರು. ಉದ್ಯೋಗ ಇಲ್ಲ, ಯಾರು ಏನು ಹೇಳಿದರೂ ನಿಮಗೆ ಹೇಗೆ ಗೊತ್ತು ಎಂದು ಕೇಳುವ ಚಟ ಸಿಕ್ಕಿದೆ ಎಂದೆ. ಅವರು ನಕ್ಕರು. ನಕ್ಕಿದ್ದರಿಂದ ಮೆಚ್ಚಿದರೆಂದು ನಾನು ಊಹಿಸಿದೆ. ಮಂಜನ್ನು ಹೊಗೆಯೆಂದುಕೊಂಡಿದ್ದೆ. ಮುಂದಿನ ಜೂನ್‌ಗೆ ತತ್ವಶಾಸ್ತ್ರ ಇರಲಿಲ್ಲ. ಪಾಟೀಲ ಸರ್ ಹಾವೇರಿಗೆ ಮರಳಿ ಯಾವುದೋ ಕೋಚಿಂಗ್ ಕ್ಲಾಸಿನಲ್ಲಿ ಸಾಮಾನ್ಯ ಜ್ಞಾನ ಹೇಳಿಕೊಡುತ್ತಿದ್ದಾರೆಂದು ಭಾರತಿ ಹೇಳಿದಳು.

ಈಗ ಮೊನ್ನೆಯ ವಿಷಯಕ್ಕೆ ಬರುತ್ತೇನೆ. ಹೊಸ ಕೋರ್ಸಿನ ಮೇಜಿನ ಹಿಂದೆ ಟೈ ಕಟ್ಟಿದ ಯುವಕನೊಬ್ಬ ಕೂತಿದ್ದ. ಯಲ್ಲಾಪುರ ಕಡೆಯವನೆಂದು ಎರಡು ಮಾತಿನಲ್ಲಿ ತಿಳಿಯಿತು. ಅತಿಥಿ ಉಪನ್ಯಾಸಕನಂತೆ. ನಾವು ಅತಿಥಿಗಳನ್ನು ಊಟ ಹಾಕಿ ಕಳಿಸುತ್ತೇವೆ. ಇವರನ್ನು ಮಾರ್ಚ್ ಮುಗಿದ ಕೂಡಲೇ ಹಾಗೆಯೇ ಕಳಿಸುತ್ತಾರೆ. ಅವನು ಬಾಯಿಪಾಠ ಮಾಡಿದಂತೆ ಹೇಳುತ್ತ ಹೋದ: ಈ ಕೋರ್ಸಿಗೆ ಬೇಡಿಕೆ ಇದೆ, ಕಂಪನಿಗಳು ಕಾಲೇಜಿಗೇ ಬರುತ್ತವೆ. ಸರಕಾರ ಇದಕ್ಕೆ ಬಿಡಿಗಾಸು ಕೊಡುವುದಿಲ್ಲ, ಮಕ್ಕಳ ಫೀಸಿನಲ್ಲೇ ನಡೆಯಬೇಕು ಎಂಬುದನ್ನು ಮಾತ್ರ ಬೇಗ ಹೇಳಿ ದಾಟಿಸಿದ.

"ಕಂಪನಿ ಬತ್ತು ಹೇಳಿ ನಿಂಗಕ್ಕೆ ಹೆಂಗೆ ಗೊತ್ತು?" ಎಂದೆ.

"ಎಲ್ಲಾ ಕಡಿಗೂ ಬತ್ತಲಾ ಅಕ್ಕಾ..."

"ಇಲ್ಲಿಗೆ?"

ಅವನು ಪೆನ್ನಿನ ಮುಚ್ಚಳ ಹಾಕಿದ. ತೆಗೆದ. ಮಗಳು ನನ್ನನ್ನು ಚಿವುಟಿದಳು. ಸಿಕ್ಕಿಬಿದ್ದನಲ್ಲ ಎಂಬ ಸಮಾಧಾನ ನನಗೆ ಆಗಬೇಕಿತ್ತು, ಆಗಲಿಲ್ಲ.

"ತಮಾ, ಒಂದು ಕೇಳ್ತೆ, ಬೇಜಾರ ಮಾಡ್ಕಳಡ," ಎಂದೆ. "ಕೂಸು ಸೇರದೇ ಹೋದ್ರೆ ನಿನಗೆಂತ ಆಗ್ತು?"

ಅವನು ಒಮ್ಮೆ ಹಿಂದಿನ ಬಾಗಿಲು ನೋಡಿ ದನಿ ಇಳಿಸಿದ. "ಹೇಳಿದಷ್ಟು ಜನ ಸೇರದಿದ್ರೆ ಕೋರ್ಸೇ ಇಲ್ಲೆ ಅಕ್ಕಾ. ಆನೂ ಇಲ್ಲೆ. ಸೇರಿದ್ರೂ ಮುಂದಿನ ವರ್ಷ ಯನ್ನ ಕರೀತ್ವ ಇಲ್ಯ ಗೊತ್ತಿಲ್ಲೆ."

ಟೈ ಕಟ್ಟಿದ್ದರೂ ಈಗ ಅವನು ಒಬ್ಬ ಮನುಷ್ಯನಂತೆ ಕಂಡ. ಆದರೆ ಕರುಣೆಯಿಂದ ಮಗಳ ಮೂರು ವರ್ಷ ಕೊಡುವಷ್ಟು ಮೆತ್ತಗಿನವಳಲ್ಲ ನಾನು. ಅವಳ ಅಜ್ಜಿಯಾದರೆ ಕೊಟ್ಟಾರು. ಆ ಕಾಲದಲ್ಲಿ ಕರೆದವರು ಕೊನೆಯ ಊಟದವರೆಗೆ ಇರುತ್ತಿದ್ದರು, ಇವನು ಇರುವ ಖಾತ್ರಿಯಿಲ್ಲ.

"ಹಂಗಾದ್ರೆ ನಡೂ ಮಧ್ಯ ನಿನ್ನ ಬಿಡ್ಸಿದ್ರೆ ಇವ್ಳಿಗೆ ಪಾಠ ಯಾರು ಮಾಡ್ತ?"

"ಅದು ಯಂಗೂ ಗೊತ್ತಿಲ್ಲೆ ಅಕ್ಕಾ."

"ಯಾರಿಗೆ ಗೊತ್ತಿದ್ದು?"

ಅವನು ಪ್ರಿನ್ಸಿಪಾಲರ ಕೋಣೆಯ ಕಡೆ ನೋಡಿದ. ಅಲ್ಲಿಯೂ ಗೊತ್ತಿರಲಿಕ್ಕಿಲ್ಲ ಎಂಬ ಅನುಮಾನ ನನಗಿತ್ತು. ಅವರು ಇನ್ನೂ ಮೇಲೆ ಕೈ ತೋರಿಸಿಯಾರು. ಆದರೂ ಎಲ್ಲಿಂದಲಾದರೂ ಶುರು ಮಾಡಬೇಕಲ್ಲ.

"ಕೇಳಿಕ್ಯಂಡೇ ಬಪ್ಪನ ಬಾ," ಎಂದು ಅವನನ್ನೂ ಕರೆದು ಎದ್ದೆ. ಮಗಳೂ ಎದ್ದಳು, ಈ ಸಲ ಚಿವುಟಲಿಲ್ಲ. ಅವನು ಹಾಗೇ ಕೂತಿದ್ದ. ನಾವು ಬಾಗಿಲ ಹತ್ತಿರ ಹೋದಾಗ ಹಿಂದೆ ಕುರ್ಚಿ ಸರಿದ ಸದ್ದಾಯಿತು.