ಕಣಜದೊಳಗಿನ ಸೀನು

ತಿಚಾತೊಂಗಾ ಎಂದರೆ ಹರಾರೆ ಕಡೆಯವರ ಮಾತಿನಲ್ಲಿ ‘ನಾವು ಆಳುತ್ತೇವೆ’ ಎಂದರ್ಥ. ಬಿಳಿಯರ ದರ್ಬಾರು ಇನ್ನೂ ನಡೆಯುತ್ತಿದ್ದ ಕಾಲದಲ್ಲಿ ಅಪ್ಪ ಹುಮ್ಮಸ್ಸಿಗೆ ಬಿದ್ದು ಇಟ್ಟ ಹೆಸರು. ಆಳುವುದು ಹಾಗಿರಲಿ, ಸಾಕಿದ ಮೇಕೆಗಳೂ ತನ್ನ ಮಾತು ಕೇಳಿದ್ದಿಲ್ಲ ಎಂದು ತಿಚಾತೊಂಗಾನೇ ಹೇಳಿಕೊಂಡು ತಿರುಗುತ್ತಿದ್ದ. ಹೆಂಡತಿ ಎನೆರೆಸಿಯ ವಿಷಯವಂತೂ ಎತ್ತುವುದೇ ಬೇಡ. ಒಂದಷ್ಟು ಕಾಲ ಬಸ್ಸಿನ ಕಂಡಕ್ಟರಾಗಿದ್ದ, ಆಮೇಲೆ ಇಟ್ಟಿಗೆ ಸುಟ್ಟ, ತಂಬಾಕಿನ ಎಲೆ ಕಟ್ಟಿದ. ಹಿಡಿದ ಕೆಲಸಗಳೆಲ್ಲ ಅವನ ಕೈ ಬಿಡಿಸಿಕೊಂಡು ಓಡಿಹೋದವು. ಕಡೆತನಕ ಉಳಿದ ಉದ್ಯೋಗ ಒಂದೇ, ಸಾವಿನ ಮನೆಯಲ್ಲಿ ನಗಿಸುವುದು.

ಅದೂ ಕಲಿತದ್ದಲ್ಲ, ತಾತನಿಂದ ಬಂದದ್ದು. ತಿಚಾತೊಂಗಾನದು ಕೋತಿ ಕುಲ. ಪಕ್ಕದ ದಿಬ್ಬದ ಜಾಕೆಯೊನದು ಸಿಂಹ ಕುಲ. ಎರಡು ಮನೆತನಗಳಿಗೂ ತಲೆತಲಾಂತರದಿಂದ ಸಹ್ವಿರಾ ಸಂಬಂಧ. ರಕ್ತದ ನಂಟಲ್ಲ, ಅದಕ್ಕಿಂತ ಗಟ್ಟಿ. ಒಂದು ಮನೆಯಲ್ಲಿ ಸಾವಾದರೆ ಇನ್ನೊಂದು ಮನೆಯ ಸಹ್ವಿರಾ ಬಂದು ನಿಂತು ಮಣ್ಣು ಮಾಡಿಸಬೇಕು. ಸತ್ತವರ ಬಟ್ಟೆ ತೊಟ್ಟು, ಅವರಂತೆಯೇ ನಡೆದು, ಬೈದು, ಅಣಕಿಸಿ, ಅಳುವವರನ್ನು ನಗಿಸಬೇಕು. ಅವನು ಏನು ಅಂದರೂ ಯಾರೂ ಬೇಸರ ಪಟ್ಟುಕೊಳ್ಳುವ ಹಾಗಿಲ್ಲ, ಊರ ಮುಖಂಡನೇ ಆದರೂ ಸಿಟ್ಟು ನುಂಗಿಕೊಂಡು ಹಲ್ಲು ಕಿರಿಯಬೇಕು. ಸಹ್ವಿರಾನಿಗೆ ಇರುವುದು ಒಂದೇ ಕಟ್ಟಳೆ. ಅವನು ಅಳುವಂತಿಲ್ಲ. ಅಳುವುದು ಮನೆಯವರ ಪಾಲು.

ಜಾಕೆಯೊನ ಅಪ್ಪ ಸತ್ತಾಗ ತಿಚಾತೊಂಗಾ ಸತ್ತವನ ಹ್ಯಾಟು ಹಾಕಿಕೊಂಡು ಅಂಗಳದಲ್ಲಿ ತಿರುಗಿದ್ದ. ಬಿಯರ್ ಕೇಳಿದವರ ಎದುರು ಮಾತ್ರ ಕಿವುಡಾಗುತ್ತಿದ್ದ ಆ ಮುದುಕನ ಜಿಪುಣತನವನ್ನು ಎಷ್ಟು ಚೆನ್ನಾಗಿ ಆಡಿ ತೋರಿಸಿದನೆಂದರೆ, ವಿಧವೆಯಾಗಿ ಕೂತಿದ್ದ ಅಂಬುಯಾ ಚಾಪೆಯ ಮೇಲೆ ಬಿದ್ದು ಬಿದ್ದು ನಕ್ಕಳು. ಅಂಬುಯಾ ಎಂದರೆ ಅಜ್ಜಿ. ಜಾಕೆಯೊನ ತಾಯಿ ಊರಿಗೆಲ್ಲ ಅಂಬುಯಾನೇ. ಚಿಕ್ಕಂದಿನಲ್ಲಿ ಅಪ್ಪ ಕೋಲು ತೆಗೆದುಕೊಂಡಾಗಲೆಲ್ಲ ತಿಚಾತೊಂಗಾ ಓಡಿಹೋಗಿ ಅಡಗುತ್ತಿದ್ದದ್ದು ಅವಳ ಅಡುಗೆ ಗುಡಿಸಲಲ್ಲಿ. ಅಲ್ಲಿ ಮುದ್ದೆ ತಿಂದು, ಬೈಗುಳವನ್ನೂ ತಿಂದು, ಜಾಕೆಯೊನ ಪಕ್ಕದಲ್ಲೇ ಮಲಗಿ ಏಳುತ್ತಿದ್ದ.

ಆಮೇಲೆ ರಾಜಕೀಯ ಬಂತು. ಜಾಕೆಯೊನ ಹತ್ತಿರ ಸೈಕಲ್ ಇತ್ತೆಂದು ದೇಶ ಆಳುತ್ತಿದ್ದ ಮುಷ್ಟಿ ಪಕ್ಷದವರು ಅವನನ್ನು ಊರ ಅಧ್ಯಕ್ಷನನ್ನಾಗಿ ಮಾಡಿದರು. ತಿಚಾತೊಂಗಾ ಹೊಸದಾಗಿ ಹುಟ್ಟಿದ ಅಂಗೈ ಪಕ್ಷ ಸೇರಿದ. ಯಾಕೆ ಎಂದು ಕೇಳಿದವರಿಗೆಲ್ಲ ಬದಲಾವಣೆ, ಪ್ರಜಾಪ್ರಭುತ್ವ ಎಂದೇನೋ ಹೇಳುತ್ತಿದ್ದ. ನಿಜ ಸಂಗತಿ ಬೇರೆ. ಅವರು ಅಂಗಿ ಹಂಚುತ್ತಿದ್ದರು, ಇವನ ಅಂಗಿ ಬೆನ್ನ ಮೇಲೆ ಹರಿದಿತ್ತು. ಮುಷ್ಟಿಯವರು ಕೊಟ್ಟದ್ದನ್ನೂ ಬೇಡ ಅಂದಿರಲಿಲ್ಲ, ಚಳಿಗಾಲದಲ್ಲಿ ಅದನ್ನು ಒಳಗೆ ಹಾಕಿಕೊಳ್ಳುತ್ತಿದ್ದ. ದೇಶದಲ್ಲಿ ಅಧಿಕಾರ ಹಂಚಿಕೆ ಶುರುವಾಗುವ ಮೊದಲೇ ಅದು ನನ್ನ ಮೈಮೇಲೆ ಶುರುವಾಗಿತ್ತು ಎಂದು ಆಮೇಲೆ ನಗುತ್ತಿದ್ದ.

ಆದರೆ ಒಂದು ವರ್ಷ ಮೊದಲ ಸುತ್ತಿನಲ್ಲಿ ಯಾರೂ ಗೆಲ್ಲದೆ ಎರಡನೇ ಸುತ್ತಿನ ಚುನಾವಣೆ ಬಂತು. ಅದಕ್ಕೆ ಮುಂಚೆ ನಡೆದದ್ದು ನಗುವ ವಿಷಯವಾಗಿರಲಿಲ್ಲ. ಹೊತ್ತು ಮುಳುಗುವಾಗ ಮುಷ್ಟಿ ಪಕ್ಷದ ಬೇರೆ ಊರಿನ ಪಡ್ಡೆ ಹುಡುಗರ ಗುಂಪು ದೊಣ್ಣೆ ಹಿಡಿದು ಬಂತು. ಎನೆರೆಸಿ ಮಕ್ಕಳನ್ನು ಕರೆದುಕೊಂಡು ಮೊದಲೇ ತವರಿಗೆ ಹೋಗಿದ್ದಳು. ತಿಚಾತೊಂಗಾ ಬೇಲಿಯ ಸಂದಿಯಿಂದ ನೋಡಿದ. ಗುಂಪಿನ ಮುಂದೆ ಜಾಕೆಯೊ ನಡೆದು ಬರುತ್ತಿದ್ದ. ಅಂಗಳದ ಹತ್ತಿರ ನಿಂತು, ಕೈ ಎತ್ತಿ, ಇದೇ ಮನೆ ಎಂದು ತೋರಿಸಿದ. ಯಾವ ಮನೆಯ ಮುದ್ದೆಯನ್ನು ಲೆಕ್ಕವಿಲ್ಲದಷ್ಟು ಸಲ ತಿಂದಿದ್ದನೋ ಅದೇ ಮನೆ. ತಿಚಾತೊಂಗಾ ಹಿಂದಿನ ಬೇಲಿ ಹಾರುವ ಹೊತ್ತಿಗೆ ಹುಲ್ಲಿನ ಸೂರಿಗೆ ಬೆಂಕಿ ಬಿದ್ದಾಗಿತ್ತು.

ಬುದ್ಧಿ ಇದ್ದವರೆಲ್ಲ ಬೆಟ್ಟದ ಕಡೆ ಓಡಿದರು. ತಿಚಾತೊಂಗಾನ ಕಾಲು ಮಾತ್ರ ಹಳೇ ಅಭ್ಯಾಸದಂತೆ ಅಂಬುಯಾಳ ಅಂಗಳಕ್ಕೆ ಓಡಿತು. ತಾನು ಓಡಿಬಂದಿರುವುದು ಮುಷ್ಟಿ ಅಧ್ಯಕ್ಷನ ತಾಯಿಯ ಮನೆಗೆ ಎಂದು ಹೊಳೆದದ್ದು ಅವಳ ಎದುರು ನಿಂತ ಮೇಲೆ. ಬುದ್ಧಿ ಎನ್ನುವುದು ಅವನಿಗೆ ಯಾವತ್ತೂ ಕಾಲಿನ ಹಿಂದೆ ಏದುಸಿರು ಬಿಟ್ಟುಕೊಂಡೇ ಬರುತ್ತಿತ್ತು. ಮುದುಕಿ ರಟ್ಟೆ ಹಿಡಿದು ದರದರ ಎಳೆದುಕೊಂಡು ಹೋಗಿ, ಕಲ್ಲುಗಳ ಮೇಲೆ ಕಟ್ಟಿದ ಕಣಜದ ಕಿಂಡಿ ತೆಗೆದಳು. ಹಸಿವಿನ ವರ್ಷ, ಕಣಜ ಬರಿದಾಗಿತ್ತು.

“ಒಳಗಿಳಿ. ಬಾಯಿ ಮುಚ್ಕೊಂಡು ಕೂತ್ಕೊ. ಹುಟ್ಟಿದಾಗಿಂದ ಮುಚ್ಚಿಲ್ಲ ಆ ಬಾಯಿ, ಇವತ್ತೊಂದಿನ ಮುಚ್ಚು.”

ಅವನು ತಲೆ ತೂರಿಸಿದ, ಹೆಗಲು ತೂರಿಸಿದ, ಹೊಟ್ಟೆ ಸಿಕ್ಕಿಕೊಂಡಿತು. ಊರಿಗೆ ಊರೇ ಬಡಕಲಾದ ವರ್ಷದಲ್ಲಿ ನನ್ನ ಹೊಟ್ಟೆಗೆ ಮಾತ್ರ ಯಾವ ನಾಚಿಕೆಯೂ ಇರಲಿಲ್ಲ ಎನ್ನುತ್ತಿದ್ದ. ಅಂಬುಯಾ ಹಿಂದಿನಿಂದ ಎರಡೂ ಕೈ ಕೊಟ್ಟು ನೂಕಿ, ಕಿಂಡಿಗೆ ಕಲ್ಲು ಮುಚ್ಚಿ, ಕೆಳಗೆ ಕೂತು ಸೊಪ್ಪು ಸೋಸತೊಡಗಿದಳು.

ಹುಡುಗರು ಬಂದರು, ಜಾಕೆಯೊನೂ ಬಂದ. ಕೋತಿ ಈ ಕಡೆ ಬಂದನಾ ಎಂದು ಕೇಳಿದರು. ಬಂದಿದ್ದರೆ ಅವನಿಗೂ ಒಂದು ಮುದ್ದೆ ಬೇಯಿಸಬೇಕಿತ್ತು, ಸದ್ಯ ಉಳೀತು ಎಂದಳು ಮುದುಕಿ. ಜಾಕೆಯೊ ಕಣಜಕ್ಕೆ ಬೆನ್ನು ಕೊಟ್ಟು ಕೂತು ಊಟ ಕೇಳಿದ. ಒಳಗೆ ಹಳೇ ಹೊಟ್ಟಿನ ಧೂಳು. ತಿಚಾತೊಂಗಾನ ಮೂಗು ಕಡಿಯಿತು. ಮೂಗು ಹಿಸುಕಿದ, ನಾಲಗೆ ಕಚ್ಚಿದ, ಸತ್ತುಹೋದ ಅಜ್ಜ ಮುತ್ತಜ್ಜರನ್ನೆಲ್ಲ ಹೆಸರು ಹಿಡಿದು ಕರೆದ. ಆದರೂ ಸೀನು ಬಂದೇ ಬಂತು. ಅದೇ ಗಳಿಗೆಗೆ ಹೊರಗೆ ಜಾಕೆಯೊಗೆ ಮುದ್ದೆ ಗಂಟಲಿಗೆ ಸಿಕ್ಕಿ, ಕಣಜ ಅದುರುವ ಹಾಗೆ ಕೆಮ್ಮು ಹತ್ತಿತು. ಸೀನು ಯಾರಿಗೂ ಕೇಳಿಸಲಿಲ್ಲ. ಹಿರಿಯರೇ ಆ ಕೆಮ್ಮು ಕಳಿಸಿದರು ಎಂದು ತಿಚಾತೊಂಗಾ ಒಳಗೇ ಕೈಮುಗಿದ. ಕೈಮುಗಿದದ್ದು ಹಿರಿಯರಿಗೆ, ಜಾಕೆಯೊಗಲ್ಲ. ಕೆಮ್ಮಿ ಕೆಮ್ಮಿ ಸಾಯಲಿ ನನ್ಮಗ ಎಂದು ಅವನಿಗೆ ಶಾಪ ಹಾಕಿದ.

ಬೆಳಿಗ್ಗೆ ಅಂಬುಯಾ ಅವನನ್ನು ಹೊರಗೆಳೆದು, ಪಟ್ಟಣಕ್ಕೆ ಹೋಗಿಬಿಡು ಎಂದಳು. ಕೈಗೆ ಹುರಿದ ಶೇಂಗಾ ಕಟ್ಟಿಕೊಟ್ಟು ಮಾತು ತಗೊಂಡಳು.

“ನಾನಿರೋವರ್ಗೂ ಇದನ್ನ ಯಾರ ಹತ್ರಾನೂ ಆಡ್ಬೇಡ. ಗೊತ್ತಾದ್ರೆ ಆ ಹುಡುಗ್ರು ನನ್ ಮಗನ್ನ ಬಿಡಲ್ಲ. ನಾನು ಸತ್ತ ದಿನ ಹೇಳು, ನಿನ್ ಕೆಲ್ಸದ ಹೊತ್ತಲ್ಲಿ. ಅವನಿಗೆ ಗೊತ್ತಾಗ್ಲಿ, ಅವ್ನು ಯಾರ ಮನೆ ಸುಡೋಕೆ ಜನ ಕರ್ಕೊಂಡ್ ಬಂದ್ನೋ ಅವನನ್ನ ಅವನಮ್ಮನೇ ಕಾದ್ಲು ಅಂತ.”

ಮುಂದಿನ ವರ್ಷ ರಾಜಧಾನಿ ಹರಾರೆಯಲ್ಲಿ ಎರಡು ಪಕ್ಷಗಳ ದೊಡ್ಡವರಿಬ್ಬರೂ ಕೈ ಕುಲುಕಿದರು. ಖಾತೆಗಳನ್ನು ಹಂಚಿಕೊಂಡರು. ಎತ್ತು ಏರಿಗೆ ಎಳೆದರೆ ಕೋಣ ನೀರಿಗೆ ಎಳೆಯುವ ಸರ್ಕಾರ ಶುರುವಾಯಿತು. ನಮ್ಮೂರೇನು ಕಡಿಮೆಯೇ ಎಂದು ಇಲ್ಲೂ ಬೋರ್‌ವೆಲ್ ಸಮಿತಿಗೆ ಇಬ್ಬರು ಅಧ್ಯಕ್ಷರಾದರು. ಪಂಪಿನ ಹಿಡಿ ಮುಷ್ಟಿಯವರಿಗೆ, ಅದರ ಬೀಗ ಅಂಗೈಯವರಿಗೆ. ಹೆಂಗಸರು ಕೊಡ ಹಿಡಿದುಕೊಂಡು ಹೊಳೆಗೇ ಹೋದರು. ತಿಚಾತೊಂಗಾ ವಾಪಸು ಬಂದು ಸುಟ್ಟ ಗೋಡೆಯ ಮೇಲೆ ಪ್ಲಾಸ್ಟಿಕ್ ಹೊದಿಸಿ ಸಂಸಾರ ಹೂಡಿದ. ಸುಟ್ಟವರು ಯಾರೆಂದು ಯಾರೂ ಎತ್ತಲಿಲ್ಲ. ಜಾಕೆಯೊ ಸೈಕಲಿನಲ್ಲಿ ಎದುರಾದರೆ ನೆಲ ನೋಡಿಕೊಂಡು ಹೋಗುತ್ತಿದ್ದ. ಬೈಯುವುದನ್ನೇ ಕುಲಕಸುಬು ಮಾಡಿಕೊಂಡಿದ್ದ ತಿಚಾತೊಂಗಾನ ಬಾಯಿಗೆ ಆಗ ಒಂದು ಬೈಗುಳವೂ ಬರುತ್ತಿರಲಿಲ್ಲ. ಅದಕ್ಕಾಗಿ ಮನೆಗೆ ಬಂದು ತನ್ನನ್ನೇ ಬೈದುಕೊಳ್ಳುತ್ತಿದ್ದ.

ಹೀಗಿರುವಾಗ ಒಂದು ಬೆಳಿಗ್ಗೆ ಜಾಕೆಯೊ ಬೇಲಿಯ ಹೊರಗೆ ಬಂದು ನಿಂತ. ಹ್ಯಾಟು ತೆಗೆದು, ಮಂಡಿಯೂರಿ ಕೂತು, ಅವರ ಪದ್ಧತಿಯಂತೆ ಎರಡು ಅಂಗೈಗಳನ್ನು ಮೆಲ್ಲಗೆ ತಟ್ಟಿದ.

“ಸಹ್ವಿರಾ, ನಿನ್ ಅಂಬುಯಾ ಹೋದ್ಲು.”

ಅಷ್ಟೇ ಹೇಳಿ ಎದ್ದು ಹೋದ. ಹೋಗಬೇಡ, ತಾಯನ್ನ ತಾನೇ ಹೂತ್ಕೊಳ್ಳಲಿ ಅವ್ನು ಎಂದಳು ಎನೆರೆಸಿ. ಅವಳ ಮಾತು ನ್ಯಾಯವಾಗಿಯೇ ಇತ್ತು. ಆದರೆ ತಿಚಾತೊಂಗಾನ ಹೊಟ್ಟೆಯೊಳಗೆ ಕೊಟ್ಟ ಮಾತು ಕೂತಿತ್ತು. ಅದರ ಪಕ್ಕದಲ್ಲೇ, ಸುಳ್ಳೇಕೆ, ಸೇಡೂ ಕೂತಿತ್ತು. ಊರೆಲ್ಲರ ಎದುರು ಜಾಕೆಯೊನ ಮುಖ ನೆಲಕ್ಕೆ ಬೀಳಬೇಕು, ಅದನ್ನು ತಾನು ಕಣ್ಣಾರೆ ನೋಡಬೇಕು.

ಸಾವಿನ ಮನೆಗೆ ಎರಡು ಕಾರು ಬಂದಿದ್ದವು. ಕಪ್ಪು ಕನ್ನಡಕದವನು ಮುಷ್ಟಿಯ ಮುಖಂಡ, ಟೈ ಕಟ್ಟಿದವನು ಅಂಗೈಯ ಮುಖಂಡ. ಯಾರು ಮೊದಲು ಮಾತಾಡಬೇಕು, ಯಾರ ಬಾವುಟ ಪೆಟ್ಟಿಗೆಯ ಮೇಲೆ ಹೊದಿಸಬೇಕು ಎಂದು ಮಾವಿನ ಮರದ ಕೆಳಗೆ ಚರ್ಚೆ ನಡೆದಿತ್ತು. ಸತ್ತವಳು ಯಾವ ಪಕ್ಷಕ್ಕೂ ಸೇರಿದವಳಲ್ಲ ಎಂದು ಯಾರಿಗೂ ನೆನಪಾಗಲಿಲ್ಲ. ಟೈ ಕಟ್ಟಿದವನು ತಿಚಾತೊಂಗಾನನ್ನು ಪಕ್ಕಕ್ಕೆ ಕರೆದು, ಮೇಲೆ ಸರ್ಕಾರ ಸೂಕ್ಷ್ಮವಾಗಿದೆ, ಹೋದ ವರ್ಷದ ಮಾತು ತೆಗೀಬೇಡ ಎಂದ. ಸ್ವಲ್ಪ ಹೊತ್ತಿಗೆ ಕಪ್ಪು ಕನ್ನಡಕದವನೂ ಬಂದು ಅದನ್ನೇ ಹೇಳಿದ. ಎರಡು ಪಕ್ಷಗಳೂ ಮನಸಾರೆ ಒಪ್ಪಿಕೊಂಡ ಮೊದಲನೇ ಸಂಗತಿ ನನ್ನ ಬಾಯಿ ಮುಚ್ಚಿಸುವುದು, ಎಂಥಾ ದೊಡ್ಡ ಮನುಷ್ಯನಾಗಿಬಿಟ್ಟೆ ಎಂದುಕೊಂಡ ತಿಚಾತೊಂಗಾ.

ಆದರೂ ಅಂಬುಯಾಳ ತಲೆವಸ್ತ್ರ ಕಟ್ಟಿಕೊಂಡು, ಅವಳ ಕೋಲು ಹಿಡಿದು, ಸೊಂಟ ಬಗ್ಗಿಸಿ ಅಂಗಳಕ್ಕೆ ಇಳಿದ. ಎರಡು ಬಾವುಟಗಳನ್ನೂ ಮುದುಕಿಯ ಹಾಗೆಯೇ ಮೂಸಿ ನೋಡಿ, ಬಿಸಿ ಪಾತ್ರೆ ಇಳಿಸೋಕೆ ಬಟ್ಟೆ ಇರಲಿಲ್ಲ, ಒಳ್ಳೇದಾಯ್ತು ಎಂದು ಅಡುಗೆಯ ಹೆಂಗಸರ ಕಡೆ ಎಸೆದ. ಅಂಗಳ ನಕ್ಕಿತು. ಮುಖಂಡರಿಬ್ಬರೂ ಒಬ್ಬರ ಮುಖ ಒಬ್ಬರು ನೋಡಿಕೊಂಡು ನಕ್ಕರು, ಸಹ್ವಿರಾನ ಎದುರು ಬೇರೆ ದಾರಿ ಇರಲಿಲ್ಲ.

ಆಮೇಲೆ ಅವನು ಆ ಸಂಜೆಯನ್ನು ಆಡತೊಡಗಿದ. ಮುದುಕಿಯೂ ಅವನೇ, ಓಡಿಬಂದ ಕೋತಿಯೂ ಅವನೇ. ಬಾಯಿ ಮುಚ್ಚು ಎಂದು ಅವಳು ಬೈದದ್ದನ್ನು ಅಕ್ಷರ ಬಿಡದೆ ಅವಳ ದನಿಯಲ್ಲೇ ಬೈದ. ದೇಶ ಬದಲಾಯಿಸಲು ಹೊರಟ ವೀರ ಕಣಜದ ಕಿಂಡಿಯಲ್ಲಿ ಕಾಲು ಒದರುವುದನ್ನು ತೋರಿಸಿದ, ಚಡ್ಡಿ ಒದ್ದೆಯಾದದ್ದನ್ನೂ ಬಿಡಲಿಲ್ಲ. ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಯಾವ ಸಂಜೆ, ಯಾವ ಕಣಜ ಎಂದು ಒಬ್ಬೊಬ್ಬರಿಗೇ ಅರ್ಥವಾಗುತ್ತಾ ಬಂದ ಹಾಗೆ ನಗು ಇಳಿಯಿತು. ಕಪ್ಪು ಕನ್ನಡಕದವನ ಮುಖ ಬಿಗಿಯಾಯಿತು. ತಿಚಾತೊಂಗಾ ಕಣಜದ ಹತ್ತಿರ ಹೋಗಿ ಮೂಗು ಹಿಸುಕಿಕೊಂಡು ಜೋರಾಗಿ ಸೀನಿದ. ತಿರುಗಿ, ಹಿರಿಯರು ದೊಡ್ಡವರು ಕಣ್ರಪ್ಪ, ಸರಿಯಾದ ಹೊತ್ತಿಗೆ ಅಧ್ಯಕ್ಷರಿಗೆ ಕೆಮ್ಮು ಕಳಿಸಿದ್ರು ಎಂದ.

ಜಾಕೆಯೊ ಪೆಟ್ಟಿಗೆಯ ಪಕ್ಕದಿಂದ ಎದ್ದು ಬಂದ. ಅವನ ಮುಖ ನೆಲಕ್ಕೆ ಬಿದ್ದಿರಲಿಲ್ಲ.

“ಹಿರಿಯರು ಕಳಿಸ್ಲಿಲ್ಲ ಕಣೋ,” ಎಂದ. “ನೀನು ಸೀನಿದೆ. ನಾನು ಕೆಮ್ಮಿದೆ.”

ಕಣಜದ ಹತ್ತಿರ ಹೋಗಿ ಕಿಂಡಿಯ ಕಲ್ಲಿನ ಮೇಲೆ ಕೈಯಿಟ್ಟ.

“ಕಿಂಡಿ ಕಲ್ಲು ತಿರುಗಾಮುರುಗಾ ಇಟ್ಟಿದ್ಲು ಅಮ್ಮ. ಬಂದ ತಕ್ಷಣ ನೋಡ್ದೆ. ಅದಕ್ಕೇ ಅಲ್ಲಿ ಬೆನ್ ಕೊಟ್ಟು ಕೂತಿದ್ದು. ಆ ಹುಡುಗ್ರು ಹೋಗೋತನ್ಕ ಮುದ್ದೆ ಗಂಟ್ಲಲ್ಲಿ ಇಳೀಲಿಲ್ಲ ನಂಗೆ.” ಮುಖಂಡರ ಕಡೆ ತಿರುಗಿ ನೋಡಿದ, ಮತ್ತೆ ಜನರ ಕಡೆ ತಿರುಗಿದ. “ಮನೆ ತೋರಿಸಿದ್ದೂ ನಾನೇ. ಹೆದರಿಕೊಂಡು ತೋರಿಸ್ದೆ. ಅದಕ್ಕೆ ಮಾತ್ರ ಯಾರೂ ನಗಬೇಡಿ.”

ಕಪ್ಪು ಕನ್ನಡಕದವನು ಎದ್ದು ಕಾರಿನ ಕಡೆ ನಡೆದ. ಜಾಕೆಯೊನ ಅಧ್ಯಕ್ಷಗಿರಿ ಅಲ್ಲಿಗೆ ಮುಗಿಯಿತೆಂದು ಎಲ್ಲರಿಗೂ ಗೊತ್ತಾಯಿತು, ಅವನಿಗೂ. ತಿಚಾತೊಂಗಾ ಒಂದು ವರ್ಷದಿಂದ ಹದ ಮಾಡಿಟ್ಟುಕೊಂಡಿದ್ದ ಅಣಕದ ಮಾತುಗಳನ್ನು ಹುಡುಕಿದ. ಒಂದೂ ಸಿಗಲಿಲ್ಲ. ಸುಟ್ಟ ಸೂರು ಸುಟ್ಟದ್ದೇ, ಆ ಸಿಟ್ಟೂ ಇದ್ದಲ್ಲೇ ಇತ್ತು. ಆದರೆ ಕೆಮ್ಮಿ ತನ್ನ ಜೀವ ಉಳಿಸಿದವನನ್ನೇ ವರ್ಷವಿಡೀ ಶಪಿಸಿದ್ದ. ತಾತನ ಕಾಲದಿಂದ ಆ ಮನೆತನದಲ್ಲಿ ಯಾವ ಸಹ್ವಿರಾನೂ ಮಾಡದ ಕೆಲಸವನ್ನು ಅವನು ಮಾಡಿಬಿಟ್ಟ. ತಲೆವಸ್ತ್ರದಲ್ಲಿ ಮುಖ ಮುಚ್ಚಿಕೊಂಡು, ಮೂಗು ಬಾಯಿ ಒಂದಾಗುವ ಹಾಗೆ ಗೊಳೋ ಎಂದು ಅತ್ತ.

ಅಯ್ಯೋ ಸಹ್ವಿರಾನೇ ಅತ್ರೆ ನಗಿಸೋರು ಯಾರು ಎಂದು ಮುದುಕಿಯರು ಗೊಣಗಿದರು. ಮಣ್ಣು ಹಾಕುವ ಮೊದಲು ಯಾರಾದರೂ ನಗಿಸಲೇಬೇಕಿತ್ತು. ಜಾಕೆಯೊ ಅವನ ತಲೆಯಿಂದ ಒದ್ದೆಯಾದ ವಸ್ತ್ರ ಬಿಚ್ಚಿ ತಾನು ಕಟ್ಟಿಕೊಂಡ, ಕೈಯಿಂದ ಕೋಲು ಕಿತ್ತುಕೊಂಡ, ಸೊಂಟ ಬಗ್ಗಿಸಿದ. ಬಾಯಿಂದ ಬಂದದ್ದು ಅಂಬುಯಾಳ ದನಿಯೇ.

“ಬಾಯಿ ಮುಚ್ಚೋ ಕೋತಿ. ಹುಟ್ಟಿದಾಗಿಂದ ಮುಚ್ಚಿಲ್ಲ ಆ ಬಾಯಿ, ಇವತ್ತೊಂದಿನ ಮುಚ್ಚು.”

ಮೊದಲು ನಕ್ಕದ್ದು ಎನೆರೆಸಿ. ಆಮೇಲೆ ಅಂಗಳವೆಲ್ಲ ನಕ್ಕಿತು. ಗುಂಡಿಗೆ ಕೊನೆಯ ಸಲಿಕೆ ಮಣ್ಣು ಬೀಳುವವರೆಗೂ ತಿಚಾತೊಂಗಾ ಬಾಯಿ ತೆರೆಯಲಿಲ್ಲ.