ಕೆಡವುವ ಗುಂಡಿಯಿಲ್ಲದ ಊರು

ಕಾರವಾರದ ಬಸ್ ನಿಲ್ದಾಣದಿಂದ ಐದು ನಿಮಿಷ ನಡೆದರೆ ಒಂದು ಖಾನಾವಳಿ ಸಿಗುತ್ತದೆ. ಅದರ ಮೇಲಿನ ಮಹಡಿಯಲ್ಲಿ ಒಂಬತ್ತು ಜನ ಕೂತು ಮೊಬೈಲಿನಲ್ಲಿ ಆಡುವ ಆಟಗಳನ್ನು ತಯಾರಿಸುತ್ತಾರೆ. ಮಧ್ಯಾಹ್ನ ಹನ್ನೆರಡೂವರೆಗೆ ಕೆಳಗೆ ಬಂಗಡೆ ಮೀನು ಎಣ್ಣೆಯಲ್ಲಿ ಕಾಯಿಸಲು ಶುರುವಾದರೆ ಎರಡು ಗಂಟೆಯವರೆಗೆ ಮೇಲೆ ಒಂದಕ್ಷರ ಕೆಲಸ ಆಗುವುದಿಲ್ಲ. "ಆಟಕ್ಕೂ ಸಂಬಳ ಕೊಡ್ತರಾ?" ಎಂದು ಕೇಳದ ನೆಂಟರು ಈ ಒಂಬತ್ತರಲ್ಲಿ ಯಾರಿಗೂ ಇಲ್ಲ.

ಸಂಸ್ಥೆಯ ಹೆಸರು ಗಾಳಿಮರ ಗೇಮ್ಸ್. ಅಲ್ಲಿ ಎಲ್ಲರಿಗಿಂತ ಹಳಬಳು ವಿಜೇತಾ ನಾಯ್ಕ. ವಯಸ್ಸು ನಲವತ್ತು, ಮಾತು ಕಡಿಮೆ, ಸಿಟ್ಟು ಬಂದರೆ ಇನ್ನೂ ಕಡಿಮೆ. ಆಟದೊಳಗೆ ಯಾರ ಮನೆ ಎಲ್ಲಿದೆ, ಯಾರ ದೋಣಿ ಯಾವ ದಡದಲ್ಲಿದೆ, ಯಾರ ಬೇಲಿ ಯಾರ ಗದ್ದೆಗೆ ತಾಗಿದೆ ಎಂಬ ಲೆಕ್ಕವೆಲ್ಲ ಅವಳ ಕಂಪ್ಯೂಟರಿನಲ್ಲಿ. ಇಲ್ಲದ ಊರಿಗೆ ಅವಳೇ ಶಾನುಭೋಗ ಎಂದು ಸಹೋದ್ಯೋಗಿಗಳು ಕಾಡಿಸುತ್ತಾರೆ. ಕಾಡಿಸಲಿ, ಶಾನುಭೋಗಿಕೆ ಮಾತ್ರ ಅವಳು ಬಹಳ ಚೆನ್ನಾಗಿ ಮಾಡುತ್ತಾಳೆ.

ಹತ್ತು ಹನ್ನೊಂದು ವರ್ಷಗಳ ಹಿಂದೆ ಅವಳು ಅಂಕೋಲೆಯ ಒಂದು ಕಂಪ್ಯೂಟರ್ ಕ್ಲಾಸಿನಲ್ಲಿ ಟೈಪಿಂಗ್ ಕಲಿಸುತ್ತಿದ್ದಳು. ಕ್ಲಾಸು ಭರತನದು. ಅವನಿಗೆ ಕಲಿಸುವುದಕ್ಕಿಂತ ಆಟ ಬರೆಯುವ ಹುಚ್ಚು. ಮೊದಲು ಕಾಳಿ ನದಿಯಲ್ಲಿ ದೋಣಿ ಸ್ಪರ್ಧೆಯ ಆಟ ಮಾಡಿದ. ಅದರಲ್ಲಿ ಮಳೆ ಬಂದರೆ ದೋಣಿಗಳು ಮೇಲಕ್ಕೆ ಹಾರಿ ಹೋಗುತ್ತಿದ್ದವು, ಅದನ್ನು ಬಿಡುಗಡೆ ಮಾಡಿದ್ದೂ ಜುಲೈ ತಿಂಗಳಲ್ಲಿ. ಆಮೇಲೆ ಇಬ್ಬರು ಬೇರೆ ಬೇರೆ ಊರಲ್ಲಿ ಕೂತು ಆಡುವ ಕಬಡ್ಡಿ. ನಮ್ಮ ನೆಟ್‌ವರ್ಕಿನ ಕೃಪೆಯಿಂದ ಒಬ್ಬನ ಫೋನಿನಲ್ಲಿ ಆಟಗಾರ ಗೆರೆ ದಾಟಿ ವಾಪಸು ಬಂದಿರುತ್ತಿದ್ದ, ಇನ್ನೊಬ್ಬನ ಫೋನಿನಲ್ಲಿ ಅದೇ ಹೊತ್ತಿಗೆ ಸಿಕ್ಕಿಬಿದ್ದಿರುತ್ತಿದ್ದ. ಇಬ್ಬರೂ ಗೆದ್ದೆವೆಂದು ಎರಡು ತಿಂಗಳು ಜಗಳವಾಡಿದ ಮೇಲೆ ಭರತ ಆ ಆಟವನ್ನೇ ಹಿಂದಕ್ಕೆ ತೆಗೆದ. ಹಿಂದಕ್ಕೆ ತೆಗೆದ ದಿನ ವಿಜೇತಾ ನೆಮ್ಮದಿಯಾಗಿ ಊಟ ಮಾಡಿದಳಂತೆ, ಏಕೆಂದರೆ ಜಗಳದ ಪತ್ರಗಳಿಗೆ ಉತ್ತರ ಬರೆಯುವ ಕೆಲಸ ಅವಳದಾಗಿತ್ತು.

ಮೂರನೆಯದೇ 'ಹೊಸಕೇರಿ'. ಅದರಲ್ಲಿ ಯುದ್ಧವಿಲ್ಲ, ಗುಂಡಿಲ್ಲ. ಕಡಲಿಗೂ ಗುಡ್ಡಕ್ಕೂ ನಡುವೆ ಒಂದೇ ಒಂದು ಊರು, ಜಗತ್ತಿನ ಯಾವ ಮೂಲೆಯಿಂದ ಬಂದವರಿಗೂ ಅದೇ ಊರು. ಬಂದವರಿಗೆ ಒಂದು ಅಡಿಸ್ಥಳ, ಎಂದರೆ ಒಂದು ನಿವೇಶನ, ಸಿಗುತ್ತದೆ. ಮನೆ ಕಟ್ಟಬೇಕು, ಗದ್ದೆ ಮಾಡಬೇಕು, ನಾಲ್ಕು ಜನ ಕೂಡಿ ದೋಣಿ ಇಳಿಸಬೇಕು, ಪಕ್ಕದವರೊಡನೆ ಬೇಲಿಯ ವಿಚಾರದಲ್ಲಿ ಸಮಾಧಾನ ಮಾಡಿಕೊಳ್ಳಬೇಕು. ಇದನ್ನು ಯಾರು ಆಡುತ್ತಾರೆ ಎಂದು ಭರತನಿಗೇ ಸಂಶಯವಿತ್ತು. ಆಡಿದರು. ಮೊದಲು ಗಲ್ಫಿನಲ್ಲಿದ್ದ ಕರಾವಳಿಯವರು, ಆಮೇಲೆ ಅವರ ಜೊತೆ ಕೆಲಸ ಮಾಡುವ ಮಲಯಾಳಿಗಳು, ನೇಪಾಳಿಗಳು, ಆಮೇಲೆ ಯಾರು ಯಾರೋ. ಕ್ಲಾಸು ಮುಚ್ಚಿ ಎಲ್ಲರೂ ಕಾರವಾರಕ್ಕೆ ಬಂದು ಖಾನಾವಳಿಯ ಮೇಲೆ ಕೂತರು.

ಎಂಟು ವರ್ಷ ಎಲ್ಲ ಸುಸೂತ್ರ ನಡೆಯಿತು. ಹೋದ ಮಳೆಗಾಲದಲ್ಲಿ ಊರು ತುಂಬಿಬಿಟ್ಟಿತು. ಇದ್ದ ಹನ್ನೊಂದು ಸಾವಿರ ಅಡಿಸ್ಥಳಗಳಲ್ಲಿ ಒಂದೂ ಖಾಲಿ ಉಳಿಯಲಿಲ್ಲ. ನಕ್ಷೆ ಇನ್ನೂ ದೊಡ್ಡದು ಮಾಡಿದರೆ ಸಣ್ಣ ಫೋನುಗಳಲ್ಲಿ ಆಟ ತೆರೆಯುವುದೇ ಇಲ್ಲ. ಹೊಸಬರು ಬರುತ್ತಿದ್ದರು, ಜಾಗವಿಲ್ಲದೆ ಕಡಲ ದಂಡೆಯ ಮರಳಿನ ಮೇಲೆ ಸ್ವಲ್ಪ ಹೊತ್ತು ನಿಲ್ಲುತ್ತಿದ್ದರು, ಹೊರಟುಹೋಗುತ್ತಿದ್ದರು. ಹೊಸಬರು ನಿಲ್ಲದ ಆಟ ಹೆಚ್ಚು ದಿನ ಬಾಳುವುದಿಲ್ಲ. ಇತ್ತ ಆರು ಸಾವಿರ ಮನೆಗಳ ಒಡೆಯರು ಎರಡು ವರ್ಷದಿಂದ ತಮ್ಮ ಬಾಗಿಲು ತೆರೆದು ನೋಡಿರಲಿಲ್ಲ.

"ವಿಜೇತಕ್ಕ, ಎರಡು ವರ್ಷ ಬರದೆ ಇದ್ದವರ ಮನೆ ತೆಗೆಯುವಾ," ಎಂದ ಭರತ. "ನಂಗೂ ಮನಸ್ಸಿಲ್ಲ. ಆದರೆ ಇಲ್ಲಾಂದ್ರೆ ನಾವು ಒಂಬತ್ತು ಜನ ಗಂಟು ಕಟ್ಟೂದೇ."

ವಿಜೇತಾ ತನ್ನ ಕುರ್ಚಿಗೆ ಹೋಗಿ ಕೂತಳು. ಮನೆ ತೆಗೆಯುವ ಗುಂಡಿಯನ್ನು ಹುಡುಕಿದಳು. ಸಿಗಲಿಲ್ಲ. ಮನೆ ಕಟ್ಟುವುದಿತ್ತು, ಬಣ್ಣ ಹಚ್ಚುವುದಿತ್ತು, ಹಂಚು ಬದಲಿಸುವುದಿತ್ತು, ಹಿಂದಿನ ಚಾವಡಿ ಎತ್ತುವುದಿತ್ತು. ಕೆಡವುವುದು ಮಾತ್ರ ಎಲ್ಲಿಯೂ ಇರಲಿಲ್ಲ. ಎಂಟು ವರ್ಷದ ಹಿಂದೆ ಅದನ್ನು ಬರೆಯಬೇಕಾದವಳು ಅವಳೇ, ಬರೆದೇ ಇರಲಿಲ್ಲ. ಸಲಹೆಗೆಂದು ಪುಣೆಯಿಂದ ಬಂದಿದ್ದ ಪರಿಣತನೊಬ್ಬ ಹೊಟ್ಟೆ ಹಿಡಿದುಕೊಂಡು ನಕ್ಕ. ಯಾವ ಕಂಪನಿಯಲ್ಲಾದರೂ ಕಟ್ಟುವುದರ ಜೊತೆಯಲ್ಲೇ ಕೆಡವುವುದನ್ನೂ ಬರೆದಿಡುತ್ತಾರೆ, ಒಂಬತ್ತು ಜನರಲ್ಲಿ ಒಬ್ಬರಿಗೂ ಹೊಳೆಯಲಿಲ್ಲವೇ ಎಂದು ಕೇಳಿದ. ಅವನಿಗೆ ಗೊತ್ತಿರಲಿಲ್ಲ, ಆ ಒಂಬತ್ತರಲ್ಲಿ ಐವರು ನೌಕಾನೆಲೆ ಕಟ್ಟಲು ಜಾಗ ಬಿಟ್ಟುಕೊಟ್ಟು ಬಂದ ಮನೆಗಳವರು.

ವಿಜೇತಾ ಹಾಗೆ ಖಾಲಿಯಾದ ಚೆಂಡಿಯಾ ಊರಿನವಳು. ಜಾಗ ಬಿಡುವಾಗ ಒಂಬತ್ತನೇ ತರಗತಿ. ಹಂಚು, ಅದನ್ನು ಹೊರುವ ಪಕಾಸಿನ ಮರ, ಬಾಗಿಲು ಹೊಸ ಮನೆಗೆ ಬೇಕಲ್ಲ, ಹಾಗಾಗಿ ಅಲ್ಲಿಯ ಜನ ತಮ್ಮ ಮನೆಗಳನ್ನು ತಾವೇ ಬಿಚ್ಚಿದರು. ಅಪ್ಪ ಮಾದೇವ ಮನೆಯ ಮಾಡು ಹತ್ತಿ ಒಂದೊಂದೇ ಹಂಚು ಕೆಳಗೆ ಕೊಡುತ್ತಿದ್ದ. ವಿಜೇತಾ ಕೈಯೊಡ್ಡಿ ತೆಗೆದುಕೊಂಡು ಲಾರಿಯ ಬದಿಗೆ ಜೋಡಿಸುತ್ತಿದ್ದಳು. ಅವಳು ಆಯಿ ಎಂದು ಕರೆಯುವ ತಾಯಿ ಹೀರಾ ಆ ದಿನ ಬೆಳಿಗ್ಗೆಯೂ ನೆಲ ಸಾರಿಸಿದ್ದಳು. ಮಧ್ಯಾಹ್ನದ ಹೊತ್ತಿಗೆ ಸಾರಿಸಿದ ನೆಲದ ಮೇಲೆ ನೇರ ಬಿಸಿಲು ಬಿದ್ದಿತ್ತು. ಅದನ್ನು ನೋಡಿ ಬಂದವಳು ಕಂಪ್ಯೂಟರಿನಲ್ಲಾದರೂ ಮನೆ ಕೆಡವುವುದನ್ನು ಯಾಕೆ ಬರೆದಾಳು? ಬೇಕೆಂದು ಬಿಟ್ಟದ್ದಲ್ಲ. ಅವಳಿಗೆ ಅದರ ನೆನಪೇ ಬಂದಿರಲಿಲ್ಲ.

ಈಗ ಬರೆಯಲೇಬೇಕೆಂದಾಗ ಅವಳಿಗೆ ಕೈ ಬರಲಿಲ್ಲ. ಒಂದು ಮನೆಯೂ ತನ್ನ ಕೈಯಿಂದ ಹೋಗಬಾರದು, ಅಷ್ಟೇ ಅವಳಿಗೆ ಬೇಕಾದದ್ದು. ಎರಡು ದಿನ ಊರಿನ ನಕ್ಷೆ ತೆರೆದು ಮನೆಗಳನ್ನು ನೋಡುತ್ತ ಕೂತಳು. ಮೂರನೆಯ ದಿನ ಬೊಬ್ರುವಾಡದ ಬೊಮ್ಮು ನೆನಪಾದಳು.

ಚೆಂಡಿಯಾ ಬಿಟ್ಟಾಗ ಹೊಸ ಮನೆಯ ಪಾಯವೂ ಎದ್ದಿರಲಿಲ್ಲ. ಮಾದೇವ ಅಂಕೋಲೆಯ ಬಸ್ ಡಿಪೋದಲ್ಲಿ ಮೆಕ್ಯಾನಿಕ್. ಡಿಪೋ ಗೇಟಿನ ಹತ್ತಿರ ತರಕಾರಿ ಮಾರುತ್ತಿದ್ದ ಹಾಲಕ್ಕಿ ಒಕ್ಕಲಿಗರ ಹೆಂಗಸು ಬೊಮ್ಮು, "ನಮ್ಮ ಜಗಲಿ ಅದ್ಯಲಾ, ಮನಿ ಆಗೂವರೆಗೆ ಇರಿ," ಎಂದು ಕರೆದುಕೊಂಡು ಹೋದಳು. ಹದಿನಾಲ್ಕು ತಿಂಗಳು ಮೂವರೂ ಆ ಜಗುಲಿಯಲ್ಲಿ ಇದ್ದರು, ಅಡುಗೆಯೂ ಅಲ್ಲೇ, ಓದೂ ಅಲ್ಲೇ. ಅಷ್ಟು ದಿನವೂ ಬೊಮ್ಮು ಗದ್ದೆಯಿಂದ ಬಂದವಳು ತನ್ನದೇ ಜಗುಲಿ ಹತ್ತುವ ಮೊದಲು ಒಮ್ಮೆ ಕೆಮ್ಮುತ್ತಿದ್ದಳು. ಈಗ ಅದು ಇನ್ನೊಬ್ಬರ ಮನೆ, ಕೇಳದೆ ನುಗ್ಗಬಾರದು ಎಂಬುದು ಅವಳ ಲೆಕ್ಕ.

"ಭರತ, ಮನೆ ತೆಗೆಯೂದು ಬೇಡ," ಎಂದಳು ವಿಜೇತಾ. "ಪ್ರತಿ ಮನೆಗೂ ಜಗುಲಿ ಉಂಟಲ್ಲ. ಹೊಸಬರು ಅಲ್ಲಿ ಇರ್ಲಿ. ಹಳಬರನ್ನ ಕೇಳುವಾ."

"ಕೇಳಿದ್ರೆ ಉತ್ತರ ಕೊಡ್ತರಾ? ಎರಡು ವರ್ಷದಿಂದ ಬರಲಿಲ್ಲ ಅವರು."

"ನವೆಂಬರ್ ಕಡೆವರೆಗೆ ಟೈಮ್ ಕೊಡು. ಉತ್ತರ ಬರದೆ ಇದ್ದ ಮನೆ ನಾನೇ ತೆಗೀತೇನೆ."

ಮಾತು ಕೊಟ್ಟಾಗಿತ್ತು. ಚಿತ್ರ ಬಿಡಿಸುವ ನಿಶಾ, ಇಲ್ಲಿಯವರೆಗೆ ಬರೀ ಅಂದಕ್ಕಿದ್ದ ಜಗುಲಿಗಳ ಮೇಲೆ ಚಾಪೆ, ಒಲೆ, ಪೆಟ್ಟಿಗೆ ಇಡುವ ವ್ಯವಸ್ಥೆ ಮಾಡಿದಳು. ಮನೆಯ ಒಡೆಯ ಜಗುಲಿಯ ಹತ್ತಿರ ಬಂದರೆ ತಾನಾಗಿ ಕೆಮ್ಮುವಂತೆಯೂ ಮಾಡಿದಳು. ಆ ಕೆಮ್ಮಿಗೆ ಖಾನಾವಳಿಯ ಯಜಮಾನರ ಧ್ವನಿ ಹಿಡಿದರು, ಅವರಿಗೆ ಬೀಡಿಯ ದಯೆಯಿಂದ ಅಭ್ಯಾಸ ಚೆನ್ನಾಗಿತ್ತು.

ಪತ್ರ ಬರೆಯುವುದು ವಿಜೇತಾಳ ಪಾಲಿಗೆ ಬಂತು. ಬರೆದದ್ದನ್ನು ಮನೆಯಲ್ಲಿ ಆಯಿಗೆ ಓದಿ ಹೇಳಿದಳು. ಹೀರಾಳಿಗೆ ಆಟ ಗೀಟ ಅರ್ಥವಾಗುತ್ತಿರಲಿಲ್ಲ, ಮಗಳ ಫೋನಿನಲ್ಲಿ ಆ ಊರನ್ನು ಒಮ್ಮೆಯೂ ನೋಡಿರಲಿಲ್ಲ. 'ಈ ಮೂಲಕ ತಿಳಿಸುವುದೇನೆಂದರೆ' ಎಂಬಲ್ಲಿಗೇ ಕೈ ಅಡ್ಡ ಹಿಡಿದಳು.

"ಇದು ನೋಟೀಸಾಯ್ತು. ನೀನು ಕಾಗದ ಬರಿ."

ವಿಜೇತಾ ಅಳಿಸಿ ಮತ್ತೆ ಬರೆದಳು. 'ನಿಮ್ಮ ಮನೆ ನೀವು ಬಿಟ್ಟುಹೋದ ಹಾಗೇ ಇದೆ. ಹೊಸಬರು ಬಂದು ಮರಳಿನ ಮೇಲೆ ನಿಂತಿದ್ದಾರೆ. ನಿಮ್ಮ ಜಗುಲಿ ಕೊಡುತ್ತೀರಾ? ಮನೆಯೇ ಬೇಡವಾಗಿದ್ದರೆ ಅದನ್ನಾದರೂ ತಿಳಿಸಿ. ತಿಂಗಳ ಕೊನೆಯೊಳಗೆ ಒಮ್ಮೆ ಬಂದು ಹೇಳಿ ಹೋಗಿ.'

ಮೊದಲ ದಿನ ಮೂರು ಉತ್ತರ ಬಂದವು. ಅದರಲ್ಲೊಂದು ಭರತನ ಭಾವನದು. ವಾರ ಕಳೆದಂತೆ ನೂರಾಯಿತು, ಸಾವಿರಗಟ್ಟಲೆಯಾಯಿತು. ಮಸ್ಕತ್ತಿನ ನರ್ಸೊಬ್ಬಳು, ಜಗುಲಿ ತೆಗೆದುಕೊಳ್ಳಲಿ, ಅಡುಗೆಮನೆಗೆ ಮಾತ್ರ ಕಾಲಿಡಬಾರದು ಎಂದು ಬರೆದಳು. ಹುಬ್ಬಳ್ಳಿಯವನೊಬ್ಬ, ಜಗುಲಿಗೆ ಬಂದವರು ನನ್ನ ಅಂಗಳದಲ್ಲಿ ಮೆಣಸಿನ ಗಿಡ ನೆಟ್ಟಿದ್ದಾರೆ ಎಂದು ಸಿಟ್ಟಾಗಿ ದೂರು ಕೊಟ್ಟ. ನಾಲ್ಕು ದಿನ ಬಿಟ್ಟು, ಮೆಣಸು ಚೆನ್ನಾಗಿ ಬಂದಿದೆ, ದೂರು ಹಿಂದಕ್ಕೆ ತೆಗೆದಿದ್ದೇನೆ ಎಂದು ಬರೆದ. ಮನೆ ಬೇಡ ಎಂದವರು ಬೆರಳೆಣಿಕೆಯಷ್ಟು, ಅವರೂ ಅದನ್ನು ಜಗುಲಿಗೆ ಬಂದವರ ಹೆಸರಿಗೇ ಮಾಡಿಕೊಟ್ಟರು. ಮರಳಿನ ಮೇಲೆ ನಿಂತವರ ಗುಂಪು ಕರಗುತ್ತ ಬಂತು. ವಿಜೇತಾ ಎಷ್ಟೋ ದಿನಗಳ ಮೇಲೆ ಮಧ್ಯಾಹ್ನ ಕೆಳಗಿಳಿದು ಎರಡು ತುಂಡು ಮೀನು ಹೆಚ್ಚು ಹಾಕಿಸಿಕೊಂಡು ಉಂಡಳು.

ಕೊನೆಯ ದಿನ ಬೆಳಿಗ್ಗೆ ನಾನೂರ ಮೂವತ್ತೊಂದು ಮನೆ ಉಳಿದಿದ್ದವು, ಉತ್ತರವಿಲ್ಲದವು. ಗೊತ್ತಾಗಲೆಂದು ನಿಶಾ ಅವುಗಳ ಬಾಗಿಲಿಗೆ ಒಂದೊಂದು ಸುಣ್ಣದ ಗೆರೆ ಎಳೆದಿದ್ದಳು.

"ಇಷ್ಟು ಉಳಿಸಿದ್ದೇ ದೊಡ್ಡದು ವಿಜೇತಕ್ಕ," ಎಂದ ಭರತ. ಅವಳು ತಲೆಯಾಡಿಸಿದಳು. ಸಂಜೆ ಆರಕ್ಕೆ ತೆಗೆಯುವುದೆಂದು ಮಾತಾಗಿತ್ತು. ಕೆಡವುವುದನ್ನು ಬರೆಯಲು ಕೂತಳು. ಎರಡು ಸಾಲು ಬರೆಯುವುದರಲ್ಲೇ ಮಧ್ಯಾಹ್ನವಾಯಿತು.

ಅಷ್ಟರಲ್ಲಿ ಪತ್ರಗಳು ಬರತೊಡಗಿದವು. ಮನೆಯ ಒಡೆಯರದಲ್ಲ, ಅಕ್ಕಪಕ್ಕದವರವು. ಬಾಗಿಲಿಗೆ ಗೆರೆ ಬಿದ್ದದ್ದನ್ನು ಅವರು ನೋಡಿದ್ದರು. 'ನನ್ನ ಬಲಗಡೆಯದು ಗಣೇಶ ಅವರ ಮನೆ. ಅವರು ಕೊರೋನಾದಲ್ಲಿ ತೀರಿಕೊಂಡರು. ಅವರ ಜಗುಲಿಗೆ ನಾನು ಹೊಣೆ, ದಯವಿಟ್ಟು ಮುಟ್ಟಬೇಡಿ.' 'ಎದುರು ಮನೆಯವಳಿಗೆ ಹೆರಿಗೆಯಾಗಿದೆ, ಅವಳ ಪರವಾಗಿ ಹೇಳುತ್ತಿದ್ದೇನೆ, ಜಗುಲಿ ಕೊಡಿ.' 'ಹಿಂದಿನ ಮನೆಯವನೊಡನೆ ನನಗೆ ಬೇಲಿಯ ಜಗಳವಿದೆ. ಆದರೂ ಮನೆ ತೆಗೆಯಬೇಡಿ, ಅವನು ಬಂದ ಮೇಲೆ ಜಗಳ ಮುಗಿಸುವುದಿದೆ.' ಭರತ ಕುರ್ಚಿ ಎಳೆದುಕೊಂಡು ಬಂದು ಪಕ್ಕದಲ್ಲಿ ಕೂತ. ಒಬ್ಬೊಬ್ಬರಾಗಿ ಉಳಿದ ಏಳೂ ಜನ ಬಂದು ನಿಂತರು. ಕೆಳಗೆ ಬಂಗಡೆ ಕಾಯುತ್ತಿತ್ತು, ಯಾರೂ ಇಳಿಯಲಿಲ್ಲ.

ನಾಲ್ಕು ಗಂಟೆಗೆ ಹನ್ನೊಂದು ಉಳಿದವು. ಐದಕ್ಕೆ ಒಂದು. ಅದು ಊರಿನ ತುದಿಯಲ್ಲಿ ಕಡಲಿಗೆ ಚಾಚಿದ ಬಂಡೆಯ ಮೇಲಿನ ಒಂಟಿ ಮನೆ, ಅಕ್ಕಪಕ್ಕ ನೀರು ಬಿಟ್ಟರೆ ಬೇರೇನಿಲ್ಲ. ಅದರ ಪರವಾಗಿ ಹೇಳಲು ಯಾರಿದ್ದಾರೆ? ಐದೂಮುಕ್ಕಾಲಾದರೂ ಸುದ್ದಿಯಿಲ್ಲ. ವಿಜೇತಾ ಪರದೆಯಿಂದ ಕಣ್ಣು ತೆಗೆದು ಕಿಟಕಿಯ ಕಡೆ ತಿರುಗಿದಳು.

"ಬಂತು," ಎಂದಳು ನಿಶಾ.

ಆ ಬೆಳಿಗ್ಗೆಯಷ್ಟೇ ಆಟಕ್ಕೆ ಸೇರಿದವರೊಬ್ಬರ ಪತ್ರ. ಹೆಸರೂ ಇನ್ನೂ ಸರಿಯಾಗಿ ಹಾಕಿರಲಿಲ್ಲ. 'ಮರಳಿನ ಮೇಲೆ ನಿಂತಿದ್ದೆ, ಈ ಮನೆ ಕಂಡಿತು. ಇದು ಯಾರದೆಂದು ನನಗೆ ಗೊತ್ತಿಲ್ಲ. ಅವರು ಬರುವವರೆಗೆ ಜಗುಲಿಯಲ್ಲಿದ್ದು ನೋಡಿಕೊಳ್ಳಲೇ? ಒಳಗೆ ಹೋಗುವುದಿಲ್ಲ.'

ಭರತ ಕನ್ನಡಕ ತೆಗೆದು ಅಂಗಿಯ ತುದಿಯಿಂದ ಒರೆಸಿದ. "ಆಗ್ತದೆ ಹೇಳಿ ಬರಿ, ವಿಜೇತಕ್ಕ. ಆ ಎರಡು ಸಾಲು ಅಳಿಸಿಬಿಡು." ಅವಳು ಅಳಿಸಿದಳು. ಆಮೇಲೆ ಎಲ್ಲರ ಎದುರೇ ಅತ್ತಳು, ನಾಚಿಕೆಯೇನೂ ಪಡಲಿಲ್ಲ.

ಮನೆಗೆ ಬಂದಾಗ ಹೀರಾ ಬಾಗಿಲಲ್ಲೇ ನಿಂತಿದ್ದಳು. ಮಗಳು ಚಪ್ಪಲಿ ಬಿಡುವ ತನಕವೂ ಅವಳಿಗೆ ತಡೆಯಲಾಗಲಿಲ್ಲ.

"ಎಷ್ಟು ಮನೆ ಹೋದ್ವೆ?"

"ಒಂದೂ ಹೋಗ್ಲಿಲ್ಲ ಆಯಿ."

"ಒಂದೂ?"

"ಒಂದೂ ಇಲ್ಲ."

ಹೀರಾ ಗೋಡೆ ಹಿಡಿದು ನಿಧಾನ ಕೆಳಗೆ ಕೂತಳು. ಸೆರಗಿನಿಂದ ಮುಖ ಒರೆಸಿಕೊಂಡು, "ಆ ಊರು ತೋರ್ಸು," ಎಂದಳು. ವಿಜೇತಾ ಪಕ್ಕದಲ್ಲಿ ಕೂತು ಫೋನು ತೆರೆದು ಕೊಟ್ಟಳು. ಹೀರಾ ಬೆರಳಿನಿಂದ ಮೆಲ್ಲಗೆ ಸರಿಸುತ್ತ ಮನೆಗಳನ್ನು ಒಂದೊಂದಾಗಿ ನೋಡುತ್ತಲೇ ಇದ್ದಳು.

"ನಂಗೂ ಇಲ್ಲೊಂದು ಮನೆ ಆಗ್ತದಾ?"

"ಜಾಗ ಇಲ್ಲ ಆಯಿ. ಯಾರದಾದ್ರೂ ಜಗುಲಿ ಸಿಗ್ತದೆ."

"ಜಗುಲಿ ಸಾಕು," ಎಂದಳು ಹೀರಾ. "ಆದ್ರೆ ಮೊದಲು ಅವರನ್ನ ಕೇಳು. ಅವರು ಬಾ ಅಂದ ಮೇಲೇ ನಾನು ಹೋಗೂದು."